ಸಂಧಿ ಬಿಡಿಸಿ ಹೆಸರಿಡಿ: ಗಂಡುಮಗುವಿಗೆ ಬೈಬಲ್‌ನ ಜೋಡುಪದದ ಹೆಸರು ಆರಿಸುವ ಬಗೆ

ಸಂಗಮೇಶ ಅಂದರೆ ಸಂಗಮದ ಈಶ. ಕೂಡಲಸಂಗಮದ ಸುತ್ತಲಿನ ಊರುಗಳಲ್ಲಿ ಇದನ್ನು ಯಾರಿಗೂ ಬಿಡಿಸಿ ಹೇಳಬೇಕಾಗಿಲ್ಲ. ಬಸವರಾಜ, ಗುರುಲಿಂಗಪ್ಪ, ಶಿವಾನಂದ ಕೂಡ ಹಾಗೆಯೇ, ಎರಡು ಮಾತು ಕೂಡಿ ಒಂದಾದವು. ಆದರೆ ದಾನಿಯೇಲ, ಯೋನಾತಾನ, ಇಮ್ಮಾನುವೇಲ ಎಂಬ ಹೆಸರುಗಳನ್ನು ಮೂರು ತಲೆಮಾರಿನಿಂದ ಇಟ್ಟುಕೊಂಡು ಬಂದ ಮನೆಗಳಲ್ಲೂ ಅವನ್ನು ಒಡೆದು ನೋಡುವ ರೂಢಿ ಕಡಿಮೆ. ಒಡೆದು ನೋಡಿದರೆ ಒಳಗೆ ಇಡೀ ಒಂದು ವಾಕ್ಯ ಸಿಗುತ್ತದೆ. ನಮ್ಮ ಜೋಡುಹೆಸರುಗಳು ಹೆಚ್ಚಾಗಿ ಸಮಾಸಗಳು. ಹೀಬ್ರೂ ಹೆಸರುಗಳಲ್ಲಿ ಬಹಳಷ್ಟಕ್ಕೆ ಕರ್ತೃವೂ ಉಂಟು, ಕ್ರಿಯಾಪದವೂ ಉಂಟು. ದೇವದತ್ತ ಎಂದರೆ ದೇವರು ಕೊಟ್ಟ ಮಗ; ನತಾನಯೇಲ ಎಂದರೆ ‘ದೇವರು ಕೊಟ್ಟನು’. ಮಗುವನ್ನು ಕರೆದಾಗಲೆಲ್ಲ ಆ ವಾಕ್ಯವನ್ನು ನುಡಿದಂತಾಗುತ್ತದೆ. ಈ ಹೆಸರುಗಳ ಸೊಗಸು ಇರುವುದು ಅಲ್ಲಿಯೇ.

ಆರಿಸುವಾಗ ಮೊದಲು ಹೆಸರಿನ ಕೊನೆ ನೋಡಿ. ‘ಯೇಲ’ ಅಥವಾ ‘ವೇಲ’ ಎಂದು ಮುಗಿದರೆ ಅಲ್ಲಿ ಬಹುಮಟ್ಟಿಗೆ ಹೀಬ್ರೂವಿನ ‘ಏಲ್’ ಇದೆ, ಅಂದರೆ ದೇವರು. ನಡುವಿನ ಯ, ವ ಅಕ್ಷರಗಳಿಗೆ ಅರ್ಥ ಹುಡುಕಬೇಡಿ. ಅವು ನಮ್ಮ ಆಗಮಸಂಧಿಯ ಹಾಗೆ ಬಂದು ಕೂತಿವೆ. ಮನೆ ಮತ್ತು ಅನ್ನು ಸೇರಿ ಮನೆಯನ್ನು, ಗುರು ಮತ್ತು ಅನ್ನು ಸೇರಿ ಗುರುವನ್ನು ಆಗುವಂತೆ ದಾನಿ ಮತ್ತು ಏಲ್ ಸೇರಿ ದಾನಿಯೇಲ, ಇಮ್ಮಾನು ಮತ್ತು ಏಲ್ ಸೇರಿ ಇಮ್ಮಾನುವೇಲ. ‘ಇಮ್ಮಾನು’ ಎಂದರೆ ‘ನಮ್ಮ ಸಂಗಡ’. ‘ದಾನ್’ ಎಂದರೆ ನ್ಯಾಯ ತೀರಿಸುವುದು, ಅದಕ್ಕೆ ‘ನನ್ನ’ ಎಂಬ ಇಕಾರ ಸೇರಿ ‘ದೇವರೇ ನನ್ನ ನ್ಯಾಯಾಧಿಪತಿ’ ಆಗುತ್ತದೆ. ಗಬ್ರಿಯೇಲ ‘ದೇವರ ವೀರ’ ಅಥವಾ ‘ದೇವರೇ ನನ್ನ ಬಲ’. ಯೆಹೆಜ್ಕೇಲ ‘ದೇವರು ಬಲಪಡಿಸುತ್ತಾನೆ’. ಮೀಕಾಯೇಲ ಮೂರು ತುಂಡಿನ ಹೆಸರು: ಮೀ ಎಂದರೆ ಯಾರು, ಕಾ ಎಂದರೆ ಹಾಗೆ, ಏಲ್ ಎಂದರೆ ದೇವರು. ‘ದೇವರಂಥವರು ಯಾರು?’ ಎಂಬ ಪ್ರಶ್ನೆಯೇ ಅಲ್ಲಿ ಹೆಸರಾಗಿದೆ. ‘ದೇವರಂಥವನು’ ಎಂದು ಅರ್ಥ ಹೇಳುವ ಪಟ್ಟಿಗಳು ಉಂಟು. ಅದು ತಪ್ಪು, ಅರ್ಥವೇ ತಲೆಕೆಳಗಾಗುತ್ತದೆ.

ಇನ್ನೊಂದು ತುಂಡು ಯೆಹೋವ ಎಂಬ ದೇವನಾಮದ ಮೊಟಕು ರೂಪ. ಹೆಸರಿನ ಮುಂದೆ ಬಂದರೆ ಯೆಹೋ ಅಥವಾ ಯೋ, ಹಿಂದೆ ಬಂದರೆ ಯಾಹು ಅಥವಾ ಯಾ. ಕನ್ನಡ ಸತ್ಯವೇದದಲ್ಲಿ, ಅಂದರೆ ಕನ್ನಡ ಬೈಬಲ್‌ನಲ್ಲಿ, ಹಿಂದಿನದು ಸವೆದು ಬರೀ ‘ಯ’ ಆಗಿದೆ: ಜೆಕರ್ಯ (ಯೆಹೋವನು ನೆನೆದನು), ಓಬದ್ಯ (ಯೆಹೋವನ ದಾಸ), ಅಜರ್ಯ (ಯೆಹೋವನು ನೆರವಾದನು), ಹಿಜ್ಕೀಯ (ಯೆಹೋವನು ಬಲಪಡಿಸುತ್ತಾನೆ). ಹಿಜ್ಕೀಯ ಮತ್ತು ಯೆಹೆಜ್ಕೇಲ ಒಂದೇ ಧಾತುವಿನ ಹೆಸರುಗಳು, ದೇವರ ಹೆಸರಿನ ತುಂಡು ಮಾತ್ರ ಬೇರೆ.

ಈ ತುಂಡುಗಳನ್ನು ಹಿಂದುಮುಂದು ಮಾಡಿದರೂ ಹೆಸರು ನಿಲ್ಲುತ್ತದೆ. ಅಣ್ಣತಮ್ಮಂದಿರಿಗೆ ಹೊಂದುವ ಹೆಸರು ಹುಡುಕುವವರು ಇದನ್ನು ಗಮನಿಸಬೇಕು. ಯೋ ಮತ್ತು ಏಲ್ ಸೇರಿದರೆ ಯೋವೇಲ, ‘ಯೆಹೋವನೇ ದೇವರು’. ತಿರುಗಿಸಿದರೆ ಎಲೀಯ, ‘ಯೆಹೋವನೇ ನನ್ನ ದೇವರು’. ಹನನ್ ಎಂದರೆ ಕೃಪೆ ತೋರಿದನು. ಮುಂದೆ ಯೋ ಹಚ್ಚಿದರೆ ಯೋಹಾನ, ಹಿಂದೆ ಹಚ್ಚಿದರೆ ಹನನ್ಯ. ರಕ್ಷಣೆ ಎಂಬ ಮಾತಿನಿಂದ ಯೆಹೋಶುವ, ಅದನ್ನೇ ತಿರುವಿದರೆ ಯೆಶಾಯ. ‘ಕೊಟ್ಟನು’ ಎಂಬ ನಾತಾನ್‌ನಿಂದ ಯೋನಾತಾನ, ನತಾನಯೇಲ, ಎಲ್ನಾಥಾನ. ಏನೂ ಹಚ್ಚದೆ ಬಿಟ್ಟರೆ ದಾವೀದನ ಕಾಲದ ಪ್ರವಾದಿ ನಾತಾನ. ಎರಡು ಮಕ್ಕಳಿಗೆ ಪ್ರಾಸ ಕೂಡಿಸಿ ಹೆಸರಿಡುವ ಬದಲು ಹೀಗೆ ಒಂದೇ ಧಾತುವಿನ ಎರಡು ಹೆಸರು ಇಟ್ಟರೆ ನಂಟು ಉಳಿಯುತ್ತದೆ, ಶಾಲೆಯ ಹಾಜರಿಯಲ್ಲಿ ಕಿವಿಗೆ ಗೊಂದಲವೂ ಆಗುವುದಿಲ್ಲ. ಯೋಹಾನ ಮತ್ತು ಹನನ್ಯ ಅಂಥ ಒಳ್ಳೆಯ ಜೋಡಿ.

ದೇವರ ಹೆಸರಿಲ್ಲದ ಜೋಡುಪದಗಳೂ ಇವೆ. ಬೆನ್ ಎಂದರೆ ಹೀಬ್ರೂವಿನಲ್ಲಿ ಮಗ, ಬೆನ್ಯಾಮೀನ ‘ಬಲಗೈಯ ಮಗ’. ರಾಹೇಲಳು ಹೆರಿಗೆಯಲ್ಲಿ ಸಾಯುವಾಗ ಮಗುವಿಗೆ ‘ನನ್ನ ದುಃಖದ ಮಗ’ ಎಂಬ ಅರ್ಥದಲ್ಲಿ ಬೆನೋನಿ ಎಂದಿಟ್ಟಳು, ತಂದೆ ಯಾಕೋಬನು ಅದನ್ನು ಬೆನ್ಯಾಮೀನ ಎಂದು ಬದಲಿಸಿದ (ಆದಿಕಾಂಡ 35:18). ಅರಾಮಿಕ್‌ನಲ್ಲಿ ಮಗ ಎನ್ನಲು ಬಾರ್, ಅದರಿಂದ ಬಾರ್ನಬ, ಬಾರ್ತೊಲೊಮಾಯ. ಅಬ್ ಎಂದರೆ ತಂದೆ. ಅಬ್ನೇರ ‘ನನ್ನ ತಂದೆ ದೀಪ’. ಚಿಕ್ಕ ಹೆಸರು, ನಮ್ಮ ಕಡೆ ಅಪರೂಪ, ಬಾಯಿಗೂ ಹಗುರ.

ಈಗ ಎಡವುವ ಜಾಗಗಳು. ‘ಎಲ’ ಎಂದು ಮುಗಿದದ್ದೆಲ್ಲ ದೇವರಲ್ಲ. ಹೇಬೆಲ ಎಂದರೆ ಉಸಿರು, ಆವಿ. ಅದು ಒಂದೇ ಪದ, ಜೋಡುಪದವಲ್ಲ. ‘ಯ’ ಎಂದು ಮುಗಿದದ್ದೆಲ್ಲ ಯೆಹೋವನೂ ಅಲ್ಲ. ಹೋಶೇಯ ಎಂದರೆ ಬರೀ ರಕ್ಷಣೆ, ಅಲ್ಲಿ ದೇವನಾಮವಿಲ್ಲ. ಆ ಕೊರತೆಯನ್ನು ತುಂಬಿದವನು ಮೋಶೆ: ನೂನನ ಮಗ ಹೋಶೇಯನನ್ನು ಅವನು ಯೆಹೋಶುವ ಎಂದು ಕರೆದ (ಅರಣ್ಯಕಾಂಡ 13:16). ಮುಂದಿರುವ ‘ಯೋ’ ಕೂಡ ಮೋಸ ಮಾಡುತ್ತದೆ. ಯೋಸೇಫ ಎಂಬಲ್ಲಿ ಅದು ‘ಕೂಡಿಸಲಿ’ ಎಂಬ ಕ್ರಿಯಾಪದದ ಭಾಗ. ಯೋನ ಎಂದರೆ ಪಾರಿವಾಳ. ಹಾಗಾಗಿ ಯೋನಾತಾನನನ್ನು ಮುದ್ದಿಗೆ ಯೋನ ಎಂದು ಮೊಟಕು ಮಾಡಿದರೆ ಅವನು ಬೇರೊಬ್ಬ ಪ್ರವಾದಿಯ ಹೆಸರಿಗೆ ಹೋಗುತ್ತಾನೆ. ನಾತಾ, ನಾತಣ್ಣ ಎಂದು ಹಿಂದಿನ ತುಂಡನ್ನು ಹಿಡಿದು ಕರೆದರೆ ‘ಕೊಟ್ಟನು’ ಎಂಬ ಮಾತಾದರೂ ಉಳಿಯುತ್ತದೆ.

ಸಮುವೇಲನ ವಿಷಯದಲ್ಲಿ ಎರಡು ಅರ್ಥ ಓಡಾಡುತ್ತವೆ. ‘ಯೆಹೋವನಿಂದ ಬೇಡಿ ಪಡೆದೆನು’ ಎಂದು ತಾಯಿ ಹನ್ನಳು ಕಾರಣ ಕೊಡುತ್ತಾಳೆ (1 ಸಮುವೇಲ 1:20). ಪದವನ್ನು ಒಡೆದರೆ ಮಾತ್ರ ಶೆಮ್ ಅಂದರೆ ಹೆಸರು, ಏಲ್ ಅಂದರೆ ದೇವರು. ‘ದೇವರ ಹೆಸರು’ ಅಥವಾ ‘ಅವನ ಹೆಸರು ಏಲ್’ ಎಂದು ಹೇಳುವುದು ವ್ಯಾಕರಣಕ್ಕೆ ಹತ್ತಿರ. ಒಂದು ತಾಯಿಯ ಹೃದಯದ ಅರ್ಥ, ಇನ್ನೊಂದು ಪದದ ಅರ್ಥ. ನಾಮಕರಣದ ದಿನ ಎರಡನ್ನೂ ಹೇಳಿ, ಒಂದನ್ನು ಮುಚ್ಚಿಡುವ ಕಾರಣವಿಲ್ಲ.

ದಾನಿಯೇಲ ಮತ್ತು ಅವನ ಮೂವರು ಗೆಳೆಯರ ಹೆಸರು ಇಡುವವರು ಅವರಿಗೆ ಆಮೇಲೆ ಬಿದ್ದ ಹೆಸರುಗಳನ್ನೂ ನೋಡಬೇಕು. ಹನನ್ಯ, ಮೀಶಾಯೇಲ, ಅಜರ್ಯ ಎಂಬ ಹೆಸರುಗಳಲ್ಲಿ ಇಸ್ರಾಯೇಲರ ದೇವರಿದ್ದಾನೆ. ಬಾಬೆಲಿನ (ಬ್ಯಾಬಿಲೋನಿನ) ಅರಮನೆಯಲ್ಲಿ ಅವನ್ನು ಅಳಿಸಿ ಹೊಸ ಹೆಸರು ಕೊಟ್ಟರು (ದಾನಿಯೇಲ 1:7). ಅವುಗಳಲ್ಲಿ ಅಜರ್ಯನಿಗೆ ಕೊಟ್ಟ ಅಬೇದ್‌ನೆಗೋ ಎಂದರೆ ಬಾಬೆಲಿನ ದೇವತೆ ನೆಬೋವಿನ ದಾಸ ಎಂಬುದು ಸಾಮಾನ್ಯ ವಿವರಣೆ. ಆ ಮೂವರು ಗೆಳೆಯರನ್ನು ಬೆಂಕಿಯ ಕುಲುಮೆಗೆ ಎಸೆದ ಕತೆ ಕೇಳಿ ಮೆಚ್ಚಿ ಆ ಹೆಸರಿಡುವವರಿದ್ದಾರೆ. ಮೆಚ್ಚಿದ್ದು ಆ ಹುಡುಗನ ಭಕ್ತಿಯನ್ನಾದರೆ ಅವನ ತಾಯಿತಂದೆ ಇಟ್ಟ ಅಜರ್ಯ ಎಂಬುದೇ ಸರಿಯಾದ ಹೆಸರು. ಅರಸರೂ ಹೀಗೆ ಹೆಸರು ಬದಲಿಸಿ ತಮ್ಮ ಹಿಡಿತ ತೋರಿಸಿದ್ದಾರೆ. ಐಗುಪ್ತದ (ಈಜಿಪ್ಟಿನ) ಅರಸ ನೆಕೋ ಎಲ್ಯಾಕೀಮನನ್ನು ಯೆಹೋಯಾಕೀಮ ಮಾಡಿದ (2 ಅರಸುಗಳು 23:34). ಅಲ್ಲಿ ಬದಲಾದದ್ದು ಏಲ್ ಹೋಗಿ ಯೆಹೋ ಬಂದದ್ದು ಅಷ್ಟೇ. ‘ನಿಲ್ಲಿಸುತ್ತಾನೆ’ ಎಂಬ ಉಳಿದರ್ಧ ಹಾಗೇ ಇದೆ.

ಅರ್ಥ ಚೆನ್ನಾಗಿದ್ದರೂ ಹೆಸರಿನವನ ಕತೆ ಓದಿರಿ. ಅಬ್ಷಾಲೋಮ ಎಂದರೆ ‘ತಂದೆ ಸಮಾಧಾನ’, ಆದರೆ ಅವನು ತಂದೆಯ ಮೇಲೆಯೇ ದಂಡೆತ್ತಿದ. ಈಕಾಬೋದ್ ಕೇಳಲು ಗಂಭೀರ, ಅರ್ಥ ‘ಮಹಿಮೆ ಹೋಯಿತು’ (1 ಸಮುವೇಲ 4:21). ಈ ಎರಡನ್ನೂ ಬಿಟ್ಟುಬಿಡಿ.

ವಿಜಯಪುರದವರಿಗೆ ಈ ಹೆಸರುಗಳ ನೆರೆ ಬಾಗಿಲಲ್ಲೇ ಇದೆ. ಇಸ್ಮಾಯಿಲ್ ಎಂಬುದು ಇಷ್ಮಾಯೇಲ, ‘ದೇವರು ಕೇಳುತ್ತಾನೆ’ ಎಂಬ ಜೋಡುಪದ. ಇದೇ ಹೆಸರಿನ ಆದಿಲ್‌ಶಾಹಿ ಸುಲ್ತಾನ 1510ರಿಂದ 1534ರವರೆಗೆ ಆಳಿದ. ಇಬ್ರಾಹಿಂ ರೋಜಾದ ಇಬ್ರಾಹಿಂ ನಮ್ಮ ಅಬ್ರಹಾಮನೇ. ಅಬ್ದುಲ್ಲಾ ಎಂದರೂ ದೇವರ ದಾಸ, ಓಬದ್ಯ ಎಂದರೂ ಅದೇ ಭಾವ. ಜಿಬ್ರಾಯಿಲ್, ಮಿಕಾಯಿಲ್ ಎಂಬ ದೂತರ ಹೆಸರುಗಳಲ್ಲೂ ಏಲ್ ಉಳಿದಿದೆ. ಓಣಿಯಲ್ಲಿ ಎರಡೂ ಧರ್ಮದ ಮಕ್ಕಳು ಆಡುವಲ್ಲಿ ಇದು ಗೊತ್ತಿರುವುದು ಒಳ್ಳೆಯದು.

ಮುಂದೆ ಯಾವ ರೂಪ ಇಡಬೇಕು ಎಂಬ ಪ್ರಶ್ನೆ. ಬೆಳಗಾವಿಗೆ ಲಂಡನ್ ಮಿಷನ್ ಬಂದದ್ದು 1820ರಲ್ಲಿ, ಗುಳೇದಗುಡ್ಡದಲ್ಲಿ ಬಾಸೆಲ್ ಮಿಷನ್ ನೆಲೆ ಶುರುವಾದದ್ದು 1851ರಲ್ಲಿ. ಆ ಸಭೆಗಳಲ್ಲಿ ಯೋಹಾನ, ಸಮುವೇಲ ಎಂಬ ಕನ್ನಡ ಸತ್ಯವೇದದ ರೂಪ ಓಡುತ್ತದೆ. ಬೆಳಗಾವಿ, ಖಾನಾಪುರ ಕಡೆಯ ಕೊಂಕಣಿ ಮಾತಾಡುವ ಕಥೋಲಿಕ ಮನೆಗಳಲ್ಲಿ ಪೋರ್ತುಗೀಜ್ ದಾರಿಯಿಂದ ಬಂದ ಮಿಗೆಲ್, ಮಾನುಯೆಲ್ ಉಂಟು. ಮಿಗೆಲ್ ಎಂದರೆ ಮೀಕಾಯೇಲ. ಮಾನುಯೆಲ್ ಎಂಬುದು ಇಮ್ಮಾನುವೇಲದ ಮೊದಲಕ್ಷರ ಬಿದ್ದುಹೋದ ರೂಪ. ಇಂಗ್ಲಿಷ್ ಶಾಲೆಯ ಜಾನ್, ಡ್ಯಾನಿಯಲ್ ಮೂರನೆಯ ದಾರಿ. ಮೂರೂ ಸರಿಯೇ. ಆದರೆ ಕನ್ನಡದಲ್ಲಿ ಬೆಳೆಯುವ ಮಗುವಿಗೆ ಸತ್ಯವೇದದ ರೂಪಕ್ಕೆ ಒಂದು ಅನುಕೂಲ ಹೆಚ್ಚು: ಅದು ಅಕಾರದಲ್ಲಿ ಮುಗಿಯುವುದರಿಂದ ವಿಭಕ್ತಿ ಸಲೀಸಾಗಿ ಹತ್ತುತ್ತದೆ. ದಾನಿಯೇಲನಿಗೆ, ದಾನಿಯೇಲರು, ಏ ದಾನಿಯೇಲಾ! ಡ್ಯಾನಿಯಲ್‌ಗೆ ಎಂಬಲ್ಲಿ ಆ ಹದ ಸಿಗುವುದಿಲ್ಲ.

ಹೆಸರನ್ನು ನಮ್ಮ ಭಾಷೆಯ ಕಿವಿಯಲ್ಲೂ ಕೇಳಿಸಿಕೊಳ್ಳಿ. ಎಲೀಯನನ್ನು ಮೊಟಕುಗೊಳಿಸಿ ಎಲಿ ಎಂದು ಕರೆದರೆ ನಮ್ಮ ಕಡೆ ಅದು ಎಲಿ-ಅಡಕಿಯ ಎಲಿ. ಹುಡುಗರು ಬಿಡುವುದಿಲ್ಲ. ಮೂರು ಪರೀಕ್ಷೆ ಸಾಕು: ಅಂಗಳದಿಂದ ಓಣಿಯ ಕೊನೆಗೆ ಕೇಳುವಂತೆ ಕೂಗಿ ನೋಡಿ, ಅಜ್ಜಿಯ ಬಾಯಲ್ಲಿ ಹೇಳಿಸಿ ನೋಡಿ, ಅಪ್ಪನ ಹೆಸರು, ಅಡ್ಡಹೆಸರು ಸೇರಿಸಿ ಬರೆದು ನೋಡಿ. ಅಪ್ಪ ಸತ್ಯಾನಂದ, ಅಡ್ಡಹೆಸರು ಹೊಸಮನಿ ಎಂದಿಟ್ಟುಕೊಳ್ಳಿ. ಮುಂದೆ ಇಮ್ಮಾನುವೇಲ ಹಚ್ಚಿದರೆ ಸಾಲು ಉದ್ದವಾಗಿ ಅರ್ಜಿಯ ಚೌಕಗಳಲ್ಲಿ ಇಕ್ಕಟ್ಟಾಗುತ್ತದೆ. ಯೋವೇಲ ಆದರೆ ಆರಾಮ.

ಮನೆಯಲ್ಲಿ ಹಿರಿಯರ ಹೆಸರೇ ಬೇಕೆಂಬ ಒತ್ತಾಯ ಬಂದರೆ ಅದು ಹೊಸದಲ್ಲ. ಎಲಿಸಬೇತಳ ಮಗುವಿಗೆ ಎಂಟನೆಯ ದಿನ ಬಂಧುಗಳು ತಂದೆಯ ಹೆಸರಾದ ಜಕರೀಯ ಎಂದೇ ಇಡಲು ಹೊರಟಿದ್ದರು, ನಿಮ್ಮ ಬಳಗದಲ್ಲಿ ಯೋಹಾನ ಎಂಬ ಹೆಸರಿನವರು ಯಾರೂ ಇಲ್ಲವಲ್ಲ ಎಂದರು (ಲೂಕ 1:59-63). ಮಾತು ಬಾರದ ತಂದೆ ಹಲಗೆ ಕೇಳಿ ಯೋಹಾನ ಎಂದು ಬರೆದು ತೀರ್ಮಾನಿಸಿದ. ಇಲ್ಲೊಂದು ನಡುದಾರಿ ಉಂಟು: ಅಜ್ಜ ದೇವದಾಸ ಆಗಿದ್ದರೆ ಮೊಮ್ಮಗ ಓಬದ್ಯ. ಹೆಸರು ಹೊಸದು, ಅರ್ಥ ಅಜ್ಜನದೇ.

ಎರಡು ಪೂರ್ಣ ಹೆಸರು ಕೂಡಿಸುವ ಪದ್ಧತಿ ಬೇರೆ. ಜಾನ್ ಪಾಲ್ ಎಂಬುದನ್ನು ಪೋಪ್ ಒಬ್ಬರು ಮೊದಲು ಇಟ್ಟುಕೊಂಡದ್ದು 1978ರಲ್ಲಿ, ತಮ್ಮ ಹಿಂದಿನ ಇಬ್ಬರು ಪೋಪರ ಗೌರವಕ್ಕೆ. ಇಂಥದ್ದನ್ನು ಇಡುವುದಾದರೆ ಒಂದೇ ಪದವಾಗಿಯೋ ಎರಡಾಗಿಯೋ ಎಂದು ಮೊದಲ ದಿನವೇ ಗಟ್ಟಿ ಮಾಡಿ. ನಡುವೆ ಅಡ್ಡಗೆರೆ ಬೇಡ. ಅದು ಒಂದು ದಾಖಲೆಯಲ್ಲಿ ಉಳಿದು ಇನ್ನೊಂದರಲ್ಲಿ ಬೀಳುತ್ತದೆ.

ಕಾಗದಪತ್ರದಲ್ಲಿ ಹೆಚ್ಚು ಕೆಡುವುದು ಇಂಗ್ಲಿಷ್ ಕಾಗುಣಿತ. ಇಮ್ಮಾನುವೇಲಕ್ಕೆ ‘ಐ’ ಎಂದು ಶುರುವಾಗುವುದು ಹೀಬ್ರೂ ದಾರಿ, ‘ಇ’ ಎಂದು ಶುರುವಾಗುವುದು ಗ್ರೀಕ್ ದಾರಿ, ಎರಡರಲ್ಲೊಂದು ಹಿಡಿಯಿರಿ. ಯೋನಾತಾನಕ್ಕೆ ಜೆ-ಓ-ಎನ್ ಸಾಕು. ಜಾನ್‌ನ ‘ಎಚ್’ ತಂದು ಸೇರಿಸುವುದು ತಪ್ಪು, ಏಕೆಂದರೆ ಅದರೊಳಗೆ ಯೋಹಾನ ಇಲ್ಲವೇ ಇಲ್ಲ; ಇರುವುದು ಯೋ ಮತ್ತು ನಾತಾನ್. ಬೆಳಗಾವಿಯಲ್ಲಿ ಮರಾಠಿಯ ತೊಡಕೂ ಸೇರುತ್ತದೆ. ಮರಾಠಿ ಸತ್ಯವೇದದಲ್ಲಿ ಸಮುವೇಲ ‘ಶಮುವೇಲ’. ಮರಾಠಿ ಶಾಲೆಯ ದಾಖಲೆ ನೋಡಿ ಇಂಗ್ಲಿಷಿಗೆ ಇಳಿಸಿದರೆ ‘ಎಸ್’ ಪಕ್ಕ ‘ಎಚ್’ ಬಂದು ಕೂಡುತ್ತದೆ, ಹೆಸರು ಎರಡಾಗುತ್ತದೆ.

ಜನನವನ್ನು 21 ದಿನದೊಳಗೆ ನೋಂದಾಯಿಸಬೇಕು, ಹೆಸರು ಆಗಲೇ ಸಿದ್ಧವಿರಬೇಕೆಂದಿಲ್ಲ. ನೋಂದಣಿಯಾದ 12 ತಿಂಗಳೊಳಗೆ ಶುಲ್ಕವಿಲ್ಲದೆ ಹೆಸರು ಸೇರಿಸಬಹುದು, ಆಮೇಲೆ ತಡದ ಶುಲ್ಕ ಕಟ್ಟಿ 15 ವರ್ಷದವರೆಗೂ ಅವಕಾಶವಿದೆ. ಹಾಗಾಗಿ ಆಸ್ಪತ್ರೆಯಲ್ಲಿ ಅವಸರಕ್ಕೆ ಬಾಯಲ್ಲಿ ಹೇಳಿ ಬರಬೇಡಿ. ಬರೆದುಕೊಳ್ಳುವವರು ಕೇಳಿದಂತೆ ಬರೆಯುತ್ತಾರೆ. 2023ರ ಅಕ್ಟೋಬರ್ 1ರಿಂದ ಹುಟ್ಟಿದವರಿಗೆ ಶಾಲೆ ಸೇರುವುದರಿಂದ ಪಾಸ್‌ಪೋರ್ಟ್‌ವರೆಗೆ ಹುಟ್ಟಿದ ದಿನಕ್ಕೆ ಜನನ ಪ್ರಮಾಣಪತ್ರವೇ ಆಧಾರ, ಅಲ್ಲಿನ ಒಂದಕ್ಷರದ ತಪ್ಪು ಉದ್ದಕ್ಕೂ ಹಿಂಬಾಲಿಸುತ್ತದೆ. ಕನ್ನಡ ಮತ್ತು ಇಂಗ್ಲಿಷ್ ಎರಡರಲ್ಲೂ ದೊಡ್ಡ ಅಕ್ಷರದಲ್ಲಿ ಹೆಸರು ಬರೆದ ಚೀಟಿಯನ್ನು ಅರ್ಜಿಗೆ ಲಗತ್ತಿಸಿ. ಅದೇ ಚೀಟಿಯ ಇನ್ನೊಂದು ಪ್ರತಿಯನ್ನು ದೀಕ್ಷಾಸ್ನಾನಕ್ಕೆ ಮೊದಲು ಸಭಾಪಾಲಕರಿಗೋ ಫಾದರ್ ಅವರಿಗೋ ಕೊಡಿ. ಪ್ರಮಾಣಪತ್ರ ಕೈಗೆ ಬಂದಾಗ ಕೌಂಟರ್ ಬಿಟ್ಟು ಕದಲುವ ಮುನ್ನ ಎರಡೂ ಲಿಪಿಯನ್ನು ಚೀಟಿಯ ಪಕ್ಕ ಹಿಡಿದು ಅಕ್ಷರ ಅಕ್ಷರ ಓದಿ.