ಒಡಪು ಕಟ್ಟುವುದು: ಹೆಸರಿಗಿಂತ ಮೊದಲು ನಗು ಬರಬಾರದು

ಗಂಡನ ಹೆಸರು ಬಾಯಿಬಿಟ್ಟು ಹೇಳುವುದೇ ನಾಚಿಕೆಯಾಗಿದ್ದ ಕಾಲದಲ್ಲಿ ಒಡಪಿಗೆ, ಅಂದರೆ ಗಂಡನ ಹೆಸರು ಸೇರಿಸಿ ಹೇಳುವ ಪ್ರಾಸದ ಸಾಲಿಗೆ, ಹೆಚ್ಚಿನ ಜಾಣತನ ಬೇಕಿರಲಿಲ್ಲ. ಬೆಳ್ಳಿ ಬಟ್ಟಲು, ತುಳಸಿಕಟ್ಟೆ, ಮಲ್ಲಿಗೆ ದಂಡೆ, ಯಾವುದಾದರೊಂದನ್ನು ಮುಂದಿಟ್ಟು ಪ್ರಾಸಕ್ಕೆ ಹೆಸರು ಸೇರಿಸಿದರೆ ಮುಗಿಯಿತು, ಕೂತ ಹೆಂಗಸರೆಲ್ಲ ಬಾಯಿಗೆ ಸೆರಗು ಹಿಡಿದು ನಗುತ್ತಿದ್ದರು. ಈಗಿನ ಮದುಮಗಳು ನಿಶ್ಚಯವಾದ ದಿನದಿಂದಲೇ ಫೋನಿನಲ್ಲಿ ಅವನನ್ನು ಹೆಸರು ಹಿಡಿದು ಕರೆಯುತ್ತಿರುತ್ತಾಳೆ. ಹೆಸರಿನಲ್ಲಿ ಗುಟ್ಟೇನೂ ಉಳಿದಿಲ್ಲ. ಆದ್ದರಿಂದ ನಗಿಸುವ ಕೆಲಸವೆಲ್ಲ ಸಾಲಿನ ಮೇಲೆ ಬಿದ್ದಿದೆ: ಆ ಮನುಷ್ಯ ಹೇಗೆ ಎನ್ನುವುದನ್ನು ಸಾಲು ಸ್ವಲ್ಪ ಬಿಟ್ಟುಕೊಡಬೇಕು. ಉತ್ತರ ಕರ್ನಾಟಕದ ಕಡೆ ಮದುವೆ, ಕುಬಸ (ಸೀಮಂತ), ಮಗುವಿನ ತೊಟ್ಟಿಲ ಶಾಸ್ತ್ರಗಳಿಗೆ ಒಡಪು ಕಟ್ಟಿಕೊಡುವಾಗ ನಾನು ಅನುಸರಿಸುವ ಕ್ರಮ ಇಲ್ಲಿದೆ.

ಮೊದಲು ಹೆಸರಿನ ಬಾಲ ಹಿಡಿಯುತ್ತೇನೆ. ಕೊನೆಯ ಎರಡು ಅಕ್ಷರಕ್ಕೆ ಎಷ್ಟು ಶಬ್ದ ಹೊಂದುತ್ತವೆ ಎಂದು ಒಂದು ಹಾಳೆಯಲ್ಲಿ ಬರೆದುಕೊಳ್ಳುತ್ತೇನೆ. ಶಿವಾನಂದ, ಸದಾನಂದ ಬಂದರೆ ಹಬ್ಬ: ಚಂದ, ಗಂಧ, ತಂದ, ಮುಂದ, ಹಿಂದ. ನಮ್ಮ ಮಾತಿನಲ್ಲಿ ‘ಮುಂದೆ’ ಎನ್ನುವುದು ‘ಮುಂದ’ ಆಗುವುದು ಇಲ್ಲಿ ದೊಡ್ಡ ಅನುಕೂಲ. ಬಸವರಾಜ, ನಾಗರಾಜರಿಗೆ ರಿವಾಜ, ಆವಾಜ, ಅಂದಾಜ. ಶ್ರೀಕಾಂತನಿಗೆ ಶಾಂತ, ಸ್ವಂತ, ಕುಂತ. ಮಲ್ಲಪ್ಪ, ಬಸಪ್ಪರಿಗೆ ತುಪ್ಪ, ಉಪ್ಪ, ಸಪ್ಪ. ಬೆಪ್ಪ ಎನ್ನುವುದೂ ತಾನಾಗಿಯೇ ನಾಲಿಗೆಗೆ ಬರುತ್ತದೆ, ಅದನ್ನು ಹಾಳೆಯಲ್ಲೂ ಬರೆಯಬೇಡಿ. ರೋಹನ್, ಪ್ರಣವ್ ಥರದ ವ್ಯಂಜನದಲ್ಲಿ ನಿಲ್ಲುವ ಹೆಸರಿಗೆ ಪ್ರಾಸ ಹುಡುಕುತ್ತ ಕೂರುವುದು ವ್ಯರ್ಥ. ಅಂಥ ಹೆಸರನ್ನು ಸಾಲಿನ ನಡುವೆ ಕೂರಿಸಿ, ಪ್ರಾಸವನ್ನು ಬೇರೆ ಶಬ್ದಕ್ಕೆ ಕಟ್ಟಬೇಕು.

ಕ್ರಿಯಾಪದಕ್ಕೆ ಕ್ರಿಯಾಪದ ಪ್ರಾಸ ಮಾಡುವುದು ಸುಲಭ. ಬರತೈತಿ, ಹೋಗತೈತಿ, ನಗತೈತಿ, ಎಲ್ಲವೂ ಒಂದೇ ಕಡೆ ಮುಗಿಯುತ್ತವೆ. ಆದರೆ ಅದು ಕೇಳುವವರ ಕಿವಿಯನ್ನು ಎಚ್ಚರಿಸುವುದಿಲ್ಲ. ನಾಮಪದಕ್ಕೆ ನಾಮಪದ ತಾಗಿದಾಗ, ಅಥವಾ ‘ಚಂದ’ಕ್ಕೆ ‘ಮುಂದ’ ಸಿಕ್ಕಿದಾಗ, ಕೂತವರು ಮುಂದಿನ ಶಬ್ದ ಏನಿರಬಹುದೆಂದು ತಾವೇ ಹುಡುಕತೊಡಗುತ್ತಾರೆ. ನಗು ಹುಟ್ಟುವುದು ಅಲ್ಲಿಯೇ.

ಅಳತೆ: ಎರಡು ಸಾಲು ಸಾಕು, ಒಂದೊಂದು ಸಾಲಿಗೆ 15ರಿಂದ 22-23 ಅಕ್ಷರ. ಹೇಳಲು ಎಂಟು ಹತ್ತು ಸೆಕೆಂಡಿಗಿಂತ ಹೆಚ್ಚು ಹಿಡಿದರೆ ಮೊದಲ ಸಾಲು ಮರೆತುಹೋಗಿ ಪ್ರಾಸ ಸತ್ತುಹೋಗುತ್ತದೆ. ನಾಲ್ಕು ಸಾಲಿನದು ಅಜ್ಜಿಯರ ಬಾಯಲ್ಲಿ ಮಾತ್ರ ನಿಲ್ಲುತ್ತದೆ. ಅವರಿಗೆ ಉಸಿರು ಎಲ್ಲಿ ಬಿಡಬೇಕೆಂದು ಗೊತ್ತು.

ಮೊದಲ ಸಾಲನ್ನು ಊರಿನಿಂದಲೋ ಅಡುಗೆಮನೆಯಿಂದಲೋ ತರುತ್ತೇನೆ. ಮದುಮಗಳ ತವರಿನದೊಂದು ವಸ್ತು ಬಂದರೆ ಅವಳ ಕಡೆಯವರು ಎರಡನೇ ಸಾಲಿಗೆ ಮೊದಲೇ ಕಿವಿ ಕೊಡುತ್ತಾರೆ. ಇಳಕಲ್ಲಿನ ಕಡೆಯ ಹುಡುಗಿಗೆ ಹೀಗೆ (ಟೋಪ ತೆನಿ ಎಂದರೆ ಇಳಕಲ್ ಸೀರೆಯ ಸೆರಗಿನ ವಿನ್ಯಾಸ):

ಟೋಪ ತೆನಿ ಸೆರಗಿದ್ರ ಇಳಕಲ್ ಸೀರಿ ಚಂದ,
ಶಿವಾನಂದರ ಹೆಸರ ಹೇಳತೀನಿ ಹಿರ್ಯಾರ ಮುಂದ.

ಇದು ಸಾದಾ ಒಡಪು. ತಪ್ಪಿಲ್ಲ, ಮರ್ಯಾದೆಯಿದೆ, ಯಾರೂ ನಗುವುದಿಲ್ಲ. ಎರಡನೇ ಸಾಲನ್ನಷ್ಟೇ ಬದಲಿಸಿ ನೋಡಿ:

ಟೋಪ ತೆನಿ ಸೆರಗಿದ್ರ ಇಳಕಲ್ ಸೀರಿ ಚಂದ,
ಸೀರಿ ಅಂಗಡ್ಯಾಗ ನಾ ಒಳಗ, ಶಿವಾನಂದರು ಬಾಗಲ ಮುಂದ.

ಪ್ರಾಸ ಅದೇ, ಹೆಸರು ಅದೇ. ಆದರೆ ಮದುವೆ ಜವಳಿ ತರುವ ದಿನ ಅಂಗಡಿಯ ಬಾಗಿಲಲ್ಲಿ ಫೋನು ತಿಕ್ಕುತ್ತ ನಿಂತ ಗಂಡಸರೆಲ್ಲ ಈ ಸಾಲಿನಲ್ಲಿ ಸಿಕ್ಕಿಬೀಳುತ್ತಾರೆ. ಶಿವಾನಂದನೊಬ್ಬನನ್ನೇ ಕಟಕಟೆಯಲ್ಲಿ ನಿಲ್ಲಿಸಿದಂತಾಗುವುದಿಲ್ಲ. ಕಾಲೆಳೆಯುವ ಒಡಪಿಗೆ ಇದು ಮುಖ್ಯ: ಗುಣ ಅವನದಾಗಿರಬೇಕು, ಆದರೆ ಹತ್ತು ಮನೆಯಲ್ಲಿ ಅಂಥವನೊಬ್ಬ ಇರಬೇಕು.

ಅಂಥ ಗುಣವನ್ನು ನಾನು ಊಹಿಸುವುದಿಲ್ಲ, ಕೇಳಿ ತಿಳಿದುಕೊಳ್ಳುತ್ತೇನೆ. ಮದುಮಗಳಿಗಿಂತ ಹುಡುಗನ ತಂಗಿಯ ಹತ್ತಿರ ಹೆಚ್ಚು ಸಿಗುತ್ತದೆ. ಬೆಳಿಗ್ಗೆ ಎಬ್ಬಿಸುವವರು ಯಾರು, ಊಟಕ್ಕೆ ಕೂತರೆ ಮೊದಲು ಏನು ಕೇಳುತ್ತಾನೆ, ಹೊರಗೆ ಹೊರಟಾಗ ಏನು ಮರೆಯುತ್ತಾನೆ, ಕರೆದರೆ ಎಷ್ಟನೇ ಸಲಕ್ಕೆ ಓಗೊಡುತ್ತಾನೆ. ನಿದ್ದೆ, ಊಟ, ಮರೆವು, ಫೋನು: ಈ ನಾಲ್ಕರಲ್ಲಿ ಒಂದಾದರೂ ಎಲ್ಲರ ಮೇಲೂ ಹೊಂದುತ್ತದೆ, ಯಾರಿಗೂ ಗಾಯವಾಗುವುದಿಲ್ಲ. ವಿಜಯಪುರದ ಕಡೆಯ ಮದುವೆಗೆ, ಫೋನಿನಲ್ಲಿ ಮುಳುಗಿರುವವನ ಮೇಲೆ ಕಟ್ಟಿದ್ದು:

ಗೋಳಗುಮ್ಮಟದಾಗ ಒಂದ್ಸಲ ಕರದ್ರ ಏಳ್ಸಲ ‘ಓ’ ಅನ್ನೋ ಗ್ವಾಡಿ,
ಬಸವರಾಜರನ್ನ ಏಳ್ಸಲ ಕರದ್ರ ಒಂದ್ಸಲ ತಿರಗತಾರ ನೋಡಿ.

ಇಲ್ಲಿ ಹೆಸರನ್ನು ಎರಡನೇ ಸಾಲಿನ ಮೊದಲಿಗೇ ಇಟ್ಟಿದ್ದಕ್ಕೆ ಕಾರಣವಿದೆ. ನಗೆಯ ಮಾತು ಹೆಸರಿಗಿಂತ ಮುಂಚೆ ಬಂದರೆ ಗದ್ದಲದಲ್ಲಿ ಹೆಸರು ಮುಳುಗಿಹೋಗುತ್ತದೆ, ಕೂಡಲೇ ‘ಹೆಸರ ಕೇಳಸಲಿಲ್ಲವಾ, ಇನ್ನೊಮ್ಮೆ ಹೇಳು’ ಎಂದು ಕೂಗು ಏಳುತ್ತದೆ. ಎರಡನೇ ಸಲ ಹೇಳಿದ ಒಡಪಿಗೆ ಯಾರೂ ನಗುವುದಿಲ್ಲ. ಆದ್ದರಿಂದ ಕಾಲೆಳೆಯುವ ಒಡಪಿನಲ್ಲಿ ಹೆಸರು ಮೊದಲು, ಚುಚ್ಚು ಆಮೇಲೆ. ಇದಕ್ಕೆ ಒಂದೇ ವಿನಾಯಿತಿ, ಹೆಸರೇ ಪ್ರಾಸವನ್ನು ತುಂಬುವಂತಿದ್ದಾಗ:

ಹೋಳಿಗಿಗೆ ಬೇಕ ತುಪ್ಪ, ಸಾರಿಗೆ ಬೇಕ ಉಪ್ಪ,
ಎರಡೂ ಮರತ್ರೂ ‘ರುಚಿ ಐತಿ’ ಅಂತಾರ ನಮ್ಮ ಮಲ್ಲಪ್ಪ.

ತುಪ್ಪ, ಉಪ್ಪ ಎಂದು ಎರಡು ಸಲ ಕೇಳಿದವರು ಮೂರನೆಯ ಶಬ್ದಕ್ಕೆ ಕಾಯುತ್ತಾರೆ, ನಗುವನ್ನು ಅಲ್ಲಿಯವರೆಗೆ ಹಿಡಿದಿಟ್ಟುಕೊಳ್ಳುತ್ತಾರೆ. ಈ ಒಡಪಿನಲ್ಲಿ ಇನ್ನೊಂದು ಲಾಭವೂ ಇದೆ. ಅಡುಗೆ ಕೆಟ್ಟದ್ದು ಅವಳದು, ಸಹಿಸಿಕೊಂಡದ್ದು ಅವನು. ತನ್ನ ಕಾಲನ್ನು ತಾನೇ ಎಳೆದುಕೊಂಡು ಗಂಡನನ್ನು ಮೇಲೆತ್ತುವ ಒಡಪಿಗೆ ಅತ್ತೆ ಮೊದಲು ನಗುತ್ತಾಳೆ. ಅತ್ತೆ ನಕ್ಕರೆ ಉಳಿದವರಿಗೆಲ್ಲ ನಗಲು ಪರವಾನಗಿ ಸಿಕ್ಕಂತೆ.

ಈಚೆಗೆ ಗಂಡಿಗೂ ಒಡಪು ಹಾಕೆಂದು ಗಂಟುಬೀಳುತ್ತಾರೆ. ಅವನಿಗೆ ಕಟ್ಟುವುದು ಹೆಚ್ಚು ಕಷ್ಟ. ಮೊದಲು ಹೊಳೆಯುವ ಸಾಲು ಸಾಮಾನ್ಯವಾಗಿ ಹೀಗಿರುತ್ತದೆ: ‘ಧಾರವಾಡದ ಪೇಢೆ ತಂದೆ, ಮ್ಯಾಲ ಗೋಕಾಕದ ಕರದಂಟ, ಎರಡೂ ಮುಗದ ಮ್ಯಾಲ ಗೀತಾನ ಮಾರಿದು ಬಿಚ್ಚಿತು ಗಂಟ.’ (ಮಾರಿ ಎಂದರೆ ನಮ್ಮ ಕಡೆ ಮುಖ.) ಹಾಸ್ಯ ಕೆಟ್ಟದ್ದಲ್ಲ, ಗಂಡನ ಮನೆಯಲ್ಲಿ ಹತ್ತು ವರ್ಷ ಬಾಳಿದ ಹೆಂಡತಿಯ ಮುಂದೆ ನಡೆದೀತು. ಆದರೆ ಹೊಸ ಮನೆಗೆ ಬಂದ ಹುಡುಗಿ ಇನ್ನೂ ಒಬ್ಬಂಟಿ, ಸುತ್ತ ಇರುವವರೆಲ್ಲ ಅವನ ಕಡೆಯವರು. ಅಲ್ಲಿ ಅವಳ ಸಿಡುಕು, ತಿಂಡಿಪೋತತನ ಎರಡನ್ನೂ ಒಂದೇ ಏಟಿಗೆ ಹರಾಜು ಹಾಕಿದರೆ ಆ ಮಾತು ಅವಳ ಅಡ್ಡಹೆಸರಾಗಿ ಉಳಿಯುತ್ತದೆ. ಗಂಡಿನ ಒಡಪಿನಲ್ಲಿ ಗುರಿ ಅವನೇ ಆಗಿರಬೇಕು:

ಧಾರವಾಡದಾಗ ಪೇಢೆ ಕೊಂಡೆ, ಗೋಕಾಕದಾಗ ಕರದಂಟ,
ಇವತ್ತಿಂದ ಗೀತಾನ ಕೈಯಾಗ ನನ್ನ ರೊಕ್ಕದ ಗಂಟ.

ಕೊನೆಯ ಶಬ್ದಕ್ಕೆ ಅಂಗಿಯ ಕಿಸೆ ತಟ್ಟಿಕೊಳ್ಳಲು ಹೇಳಿಕೊಡುತ್ತೇನೆ. ಗಂಡಸರು ಪ್ರಾಸವನ್ನು ಪಾಠ ಒಪ್ಪಿಸಿದಂತೆ ಒಪ್ಪಿಸುತ್ತಾರೆ; ಕೈಗೊಂದು ಕೆಲಸ ಕೊಟ್ಟರೆ ದನಿ ತಾನೇ ಸಡಿಲಾಗುತ್ತದೆ.

ಮುಟ್ಟಬಾರದ ವಿಷಯಗಳು: ಮೈಬಣ್ಣ, ತೂಕ, ತಲೆಗೂದಲು, ಪಗಾರ, ಕುಡಿತ, ಕೊಟ್ಟದ್ದು ತಂದದ್ದು, ಮೊದಲು ನೋಡಿ ಬಿಟ್ಟ ಸಂಬಂಧಗಳು. ಇವನ್ನು ಗೆಳತಿಯರು ಕೋಣೆಯೊಳಗೆ ಆಡಿಕೊಂಡು ನಗಬಹುದು. ಮಂಟಪದಲ್ಲಿ ಎರಡೂ ಕಡೆಯ ಬೀಗರು ಕೂತಿರುವಾಗ ಅದೇ ಮಾತು ದೂರಾಗಿ ಕೇಳುತ್ತದೆ, ಉತ್ತರ ಕೊಡಲೇಬೇಕಾದ ದೂರು. ಮುತ್ತೈದೆತನ, ಕುಂಕುಮ, ತಾಳಿಯ ಭಾಗ್ಯ ಎಂದೆಲ್ಲ ಹೊಗಳುವ ಹಳೆಯ ಸಾಲುಗಳನ್ನೂ ನಾನು ಬಿಟ್ಟಿದ್ದೇನೆ. ಹಿಂದಿನ ಸಾಲಿನಲ್ಲಿ ಗಂಡನನ್ನು ಕಳೆದುಕೊಂಡ ಅಜ್ಜಿಯೋ ಅತ್ತಿಗೆಯೋ ಕೂತಿರುತ್ತಾರೆ. ಅವರನ್ನೂ ನಗಿಸುವ ಸಾಲು ಸಿಗುವಾಗ ಇದು ಯಾಕೆ ಬೇಕು?

ಇಂಟರ್ನೆಟ್ಟಿನಿಂದ ಎತ್ತಿದ ಒಡಪಿನ ತೊಂದರೆ ಬೇರೆ. ಅದೇ ಸಾಲನ್ನು ಹೋದ ವಾರದ ಮದುವೆಯಲ್ಲಿ ಬೇರೊಬ್ಬಳು ಹೇಳಿರುತ್ತಾಳೆ, ಬಾಯಿಪಾಠವಿರುವ ನಾಲ್ವರು ಹೆಸರಿಗಿಂತ ಮೊದಲೇ ಪ್ರಾಸ ಕೂಗಿಬಿಡುತ್ತಾರೆ. ಇನ್ನೊಬ್ಬರ ಹೆಸರಿಗೆ ಅಳತೆ ಮಾಡಿದ ಸಾಲಿನಲ್ಲಿ ‘ವಿಶ್ವ’ನ ಜಾಗಕ್ಕೆ ‘ಚನ್ನಬಸವರಾಜ’ ತುರುಕಿದರೆ ಮದುಮಗಳು ಎಡವುವುದು ಅಲ್ಲೇ. ತೆಗೆದುಕೊಳ್ಳಲೇಬೇಕಿದ್ದರೆ ಮೊದಲ ಸಾಲನ್ನಷ್ಟೇ ತೆಗೆದುಕೊಂಡು ಎರಡನೆಯದನ್ನು ಮನೆಯಲ್ಲೇ ಕಟ್ಟಿ. ಬೆಳಗಾವಿ, ನಿಪ್ಪಾಣಿ ಕಡೆ ಒಡಪಿನಂಥದ್ದೇ ಆದ ಮರಾಠಿಯ ಉಖಾಣೆಯನ್ನೂ ಕಲಿತ ಹುಡುಗಿಯರಿರುತ್ತಾರೆ. ಬೀಗರು ಮರಾಠಿಯವರಾಗಿದ್ದರೆ ಮೊದಲ ಸಾಲು ಅವರದರಲ್ಲಿ, ಎರಡನೆಯದು ನಮ್ಮದರಲ್ಲಿ ಹೇಳಿಸುವುದುಂಟು. ಪ್ರಾಸ ಕೂಡಿದರೆ ಎರಡೂ ಕಡೆ ಚಪ್ಪಾಳೆ.

ಎಲ್ಲಿ ಯಾವುದು ಎನ್ನುವುದನ್ನೂ ಮೊದಲೇ ಗೊತ್ತುಮಾಡಿಕೊಳ್ಳಬೇಕು. ಮನೆ ತುಂಬಿಸಿಕೊಳ್ಳುವಾಗ ನಾದಿನಿ ಬಾಗಿಲಿಗೆ ಕೈ ಅಡ್ಡ ಹಿಡಿದಿರುತ್ತಾಳೆ, ಮುಂದೆ ಸೇರು ಅಕ್ಕಿ, ಹಿಂದೆ ಸಾಮಾನು ಹೊತ್ತವರು. ಅಲ್ಲಿಗೆ ಸಾದಾ ಒಡಪೇ ಸರಿ. ಚುಚ್ಚಿನದನ್ನು ಭೂಮದ ಊಟಕ್ಕೆ ಇಟ್ಟುಕೊಳ್ಳಿ. ಇಬ್ಬರೂ ಒಬ್ಬರಿಗೊಬ್ಬರು ತುತ್ತು ಹಾಕುತ್ತ ಕೂತಿರುತ್ತಾರೆ, ಕೇಳುವವರಿಗೂ ಬಿಡುವಿರುತ್ತದೆ, ತಿರುಗಿ ಹೇಳೋಣವೆಂದರೆ ಗಂಡಿನ ಬಾಯಲ್ಲಿ ಹೋಳಿಗೆ ಇರುತ್ತದೆ. ಕುಬಸದ ಹೊತ್ತಿಗೆ ಹುಡುಗಿ ಆ ಮನೆಯವಳೇ ಆಗಿರುವುದರಿಂದ ಸಲಿಗೆ ಇನ್ನಷ್ಟು ಹೆಚ್ಚಿದ್ದರೂ ನಡೆಯುತ್ತದೆ:

ಹಸರ ಸೀರಿ, ಹಸರ ಬಳಿ, ಉಡ್ಯಾಗ ಐದು ಹಣ್ಣ,
ಬಯಕಿ ನಂದು, ಮಾವಿನಕಾಯಿ ಮ್ಯಾಲ ಶ್ರೀಕಾಂತರ ಕಣ್ಣ.

ಹೇಳುವ ರೀತಿಯಲ್ಲಿ ಕೆಡುವುದು ಹೆಚ್ಚಾಗಿ ಅವಸರದಿಂದ. ಕೇಳಿದ ಕೂಡಲೇ ಹೇಳಬಾರದು; ‘ನಂಗ ಬರಂಗಿಲ್ಲರಿ’ ಎಂದು ಎರಡು ಸಲ ಅನ್ನಬೇಕು. ಮೂರನೆಯ ಸಲವೂ ಅಂದರೆ ಸೊಕ್ಕೆನಿಸುತ್ತದೆ, ಕೇಳುವವರ ಉತ್ಸಾಹವೂ ಆರುತ್ತದೆ. ಮೊದಲ ಸಾಲನ್ನು ಸಮದನಿಯಲ್ಲಿ, ನೆಲ ನೋಡುತ್ತ ಹೇಳಿದರೆ ಎಲ್ಲರೂ ಸಾದಾ ಒಡಪೇ ಇರಬೇಕು ಎಂದುಕೊಳ್ಳುತ್ತಾರೆ. ಅಲ್ಲಿ ಒಂದು ಉಸಿರಿನಷ್ಟು ನಿಲ್ಲಬೇಕು. ಎರಡನೇ ಸಾಲಿನಲ್ಲಿ ಹೆಸರು ಬಂದಾಗ ಅವನತ್ತ ಒಮ್ಮೆ ನೋಡಿದರೆ ಸಾಕು. ಹೇಳುವವಳು ತಾನೇ ಮೊದಲು ನಕ್ಕರೆ ಒಡಪು ಕೆಟ್ಟಿತು. ಕಲ್ಯಾಣ ಮಂಟಪದಲ್ಲಾದರೆ ವಾಜಂತ್ರಿಯವರಿಗೆ ಮುಂಚಿತವಾಗಿ ಸನ್ನೆ ಹೇಳಿಡಿ, ಮೈಕನ್ನು ಬಾಯಿಂದ ಒಂದು ಗೇಣು ದೂರ ಹಿಡಿಯಿರಿ, ಹತ್ತಿರ ಹಿಡಿದರೆ ‘ಪ್ಪ’, ‘ಟ’ಗಳು ಸಿಡಿದು ಪ್ರಾಸವೇ ಕೇಳಿಸುವುದಿಲ್ಲ. ಪರದೇಶದಲ್ಲಿರುವ ಮಕ್ಕಳ ಮನೆಯ ತೊಟ್ಟಿಲನ್ನು ವಿಡಿಯೋ ಕರೆಯಲ್ಲಿ ನಡೆಸುವಾಗ ಸಾಲುಗಳ ನಡುವಿನ ನಿಲುಗಡೆಯನ್ನು ಬಿಟ್ಟೇಬಿಡಿ. ಆ ಮೌನದಲ್ಲಿ ಕರೆ ಕಡಿಯಿತೆಂದು ತಿಳಿದು ಯಾರೋ ‘ಹಲೋ, ಕೇಳಸ್ತದೇನು?’ ಎನ್ನುತ್ತಾರೆ.

ಪ್ರತಿ ಮದುಮಗಳಿಗೆ ಮೂರು ಕೊಡುತ್ತೇನೆ. ಒಂದು ಸಾದಾ, ಒಂದು ಚುಚ್ಚಿನದು, ಇನ್ನೊಂದು ಎರಡೂ ಮರೆತುಹೋದಾಗಿನದು. ಒಂದು ಹೇಳಿದ ಮೇಲೆ ‘ಇದು ನಡಿಯಂಗಿಲ್ಲ, ಬ್ಯಾರೆ ಹೇಳು’ ಎನ್ನುವುದು ನಾದಿನಿಯರ ಹಕ್ಕು, ಆದ್ದರಿಂದ ಒಳ್ಳೆಯದನ್ನು ಮೊದಲೇ ಖರ್ಚು ಮಾಡಬಾರದು. ಚೀಟಿ ಉಪಯೋಗವಿಲ್ಲ: ಅಂಗೈ ತುಂಬ ಮೆಹೆಂದಿ, ಸುರಗಿಯ, ಅಂದರೆ ಮದುವೆ ಶಾಸ್ತ್ರದ ಸ್ನಾನದ, ನೀರಿನಲ್ಲಾದರೆ ಚೀಟಿ ತೊಯ್ದು ಮುದ್ದೆ. ಫೋನು ನೋಡಿ ಓದಿದರೆ ಅದು ಒಡಪಲ್ಲ, ಪ್ರಕಟಣೆ. ಹಿಂದಿನ ರಾತ್ರಿ ಕೆಲಸ ಮಾಡುತ್ತ ಮಾಡುತ್ತ, ಹೂ ಕಟ್ಟುತ್ತಲೋ ಬಟ್ಟೆ ಮಡಚುತ್ತಲೋ, ಜೋರಾಗಿ ಹೇಳಿಕೊಳ್ಳುವುದೇ ದಾರಿ. ಕೂತು ಕಲಿತದ್ದು ನಿಂತಾಗ ಮರೆಯುತ್ತದೆ. ಮೂರನೆಯದು ಇದು, ಹೆಸರು ಸಾಲಿನ ಮೊದಲಿಗೆ ಬರುವುದರಿಂದ ಯಾರ ಹೆಸರಿಗೂ ಹೊಂದುತ್ತದೆ:

ಕಲತ ಒಡಪೆಲ್ಲ ಮರತೇನಿ ನಿಮ್ಮ ಮಾರಿ ನೋಡಿ,
ಮಂಜುನಾಥರ ಹೆಸರೊಂದ ಮರತಿಲ್ಲ, ಒಳಗ ಬಿಟ್ಟುಬಿಡಿ.

‘ಬಿಟ್ಟುಬಿಡಿ’ ಎನ್ನುವಾಗ ಬಾಗಿಲಿಗೆ ಅಡ್ಡವಿರುವ ನಾದಿನಿಯ ಕೈಯನ್ನು ಮೆಲ್ಲಗೆ ಹಿಡಿದು ಕೆಳಗಿಳಿಸಬೇಕು. ಅವಳು ನಗುತ್ತಿರುತ್ತಾಳೆ, ಕೈ ಬಿಗಿಹಿಡಿಯುವುದಿಲ್ಲ. ಅಷ್ಟರಲ್ಲಿ ಸೇರು ಒದ್ದು ಒಳಗೆ ಹೋಗಬಹುದು.