ಅಮೆರಿಕದ ಪ್ರೀಪೇಯ್ಡ್ ಸಿಮ್‌ಗೆ ಅನ್‌ಲಾಕ್ಡ್ ಗೇಮಿಂಗ್ ಫೋನ್: ವರ್ಷದ ಹಣ ಕಟ್ಟುವ ಮೊದಲು ನೋಡಬೇಕಾದದ್ದು

ಏಸಸ್‌ನ ಆರ್‌ಒಜಿ ಫೋನ್, ನುಬಿಯಾದ ರೆಡ್‌ಮ್ಯಾಜಿಕ್ ಮುಂತಾದ ಗೇಮಿಂಗ್ ಫೋನುಗಳು ಅಮೆರಿಕದ ಮೊಬೈಲ್ ಕಂಪನಿಗಳ ಅಂಗಡಿಗಳಲ್ಲಿ ಕಂತಿನ ಮೇಲೆ ಸಿಗುವುದು ಅಪರೂಪ. ಆದ್ದರಿಂದ ಅಲ್ಲಿ ಇಂತಹ ಫೋನ್ ಬಳಸುವವರ ಕೈಯಲ್ಲಿರುವುದು ಬಹುತೇಕ ಅನ್‌ಲಾಕ್ಡ್ ಫೋನೇ ಆಗಿರುತ್ತದೆ. ಕೆಲವರು ತಯಾರಕರಿಂದ ನೇರವಾಗಿ ತರಿಸಿಕೊಂಡಿರುತ್ತಾರೆ, ಎಂ.ಎಸ್. ಓದಲು ಹೊರಟ ನಮ್ಮ ಹುಡುಗರು ಬೆಂಗಳೂರಿನಲ್ಲಿಯೋ ಹುಬ್ಬಳ್ಳಿಯಲ್ಲಿಯೋ ಕೊಂಡು ಜೊತೆಗೆ ಒಯ್ದಿರುತ್ತಾರೆ. ಅನ್‌ಲಾಕ್ಡ್ ಫೋನ್ ಯಾವ ಕಂಪನಿಯ ಸಿಮ್ಮನ್ನೂ ತಿರಸ್ಕರಿಸುವುದಿಲ್ಲ, ನಿಜ. ಆದರೆ ಆ ಸಿಮ್‌ನ ಹಿಂದಿರುವ ಜಾಲವು ಫೋನನ್ನು ಒಪ್ಪಿಕೊಳ್ಳುತ್ತದೆಯೇ, ಒಪ್ಪಿಕೊಂಡರೂ ಕರೆ ಹೋಗುತ್ತದೆಯೇ, ಸಂಜೆಯ ಹೊತ್ತಿನಲ್ಲಿ ಆಟ ಆಡುವಷ್ಟು ಸಲೀಸಾಗಿ ಡೇಟಾ ಬರುತ್ತದೆಯೇ ಎಂಬುದನ್ನೆಲ್ಲ ನಾವೇ ಪರೀಕ್ಷಿಸಿಕೊಳ್ಳಬೇಕು. ಅಗ್ಗದ ಪ್ಲಾನ್ ಕಂಡು ಮೊದಲೇ ವರ್ಷದ ಹಣ ಕಟ್ಟಿ, ಆಮೇಲೆ ಇದನ್ನೆಲ್ಲ ತಿಳಿದುಕೊಳ್ಳುವುದು ದುಬಾರಿಯಾಗುತ್ತದೆ.

ಮೊದಲು ಆರಿಸಬೇಕಾದದ್ದು ಪ್ಲಾನನ್ನಲ್ಲ, ಜಾಲವನ್ನು. ಪ್ರೀಪೇಯ್ಡ್ ಹೆಸರುಗಳು ಹತ್ತಾರು ಇದ್ದರೂ ಅವುಗಳಲ್ಲಿ ಹೆಚ್ಚಿನವು ಟಿ-ಮೊಬೈಲ್, ಎಟಿ ಆ್ಯಂಡ್ ಟಿ, ವೆರೈಜನ್ ಎಂಬ ಮೂರು ಜಾಲಗಳ ಟವರುಗಳನ್ನೇ ಅವಲಂಬಿಸಿವೆ. ಮಿಂಟ್, ಮೆಟ್ರೊ, ಟೆಲ್ಲೊ ಇವು ಟಿ-ಮೊಬೈಲ್ ಜಾಲದಲ್ಲಿ ನಡೆಯುತ್ತವೆ. ಮಿಂಟ್ ಅನ್ನು ಟಿ-ಮೊಬೈಲ್ 2024ರ ಮೇ ತಿಂಗಳಲ್ಲಿ ಕೊಂಡೇಬಿಟ್ಟಿತು. ವಿಸಿಬಲ್ ವೆರೈಜನ್‌ಗೆ ಸೇರಿದ್ದು, ಕ್ರಿಕೆಟ್ ಎಟಿ ಆ್ಯಂಡ್ ಟಿಗೆ ಸೇರಿದ್ದು. ಯುಎಸ್ ಮೊಬೈಲ್ ಎಂಬ ಕಂಪನಿ ಮೂರೂ ಜಾಲಗಳ ಸಿಮ್ ಕೊಡುತ್ತದೆ.

ಗೇಮಿಂಗ್ ಫೋನಿನವರು ಎಡವುವುದು ಹೆಚ್ಚಾಗಿ ಕರೆಯ ವಿಷಯದಲ್ಲಿ. ಎಟಿ ಆ್ಯಂಡ್ ಟಿ 2022ರ ಫೆಬ್ರವರಿಯಲ್ಲಿ, ಟಿ-ಮೊಬೈಲ್ ಅದೇ ವರ್ಷದ ಜುಲೈಯಲ್ಲಿ, ವೆರೈಜನ್ ವರ್ಷದ ಕೊನೆಯಲ್ಲಿ ತಮ್ಮ 3ಜಿ ಸೇವೆಯನ್ನು ಮುಚ್ಚಿದವು. ಅಂದಿನಿಂದ ಸಾಮಾನ್ಯ ಫೋನ್ ಕರೆಯೂ ಬಹುಮಟ್ಟಿಗೆ 4ಜಿ ಡೇಟಾದ ಮೇಲೆಯೇ, ಅಂದರೆ ವೋಲ್ಟೆ ಮೂಲಕವೇ, ಹೋಗಬೇಕು. ವೋಲ್ಟೆ ನಡೆಯಬೇಕಾದರೆ ಫೋನಿನ ಮೋಡೆಮ್‌ನಲ್ಲಿ ಆಯಾ ಕಂಪನಿಗೆ ಹೊಂದುವ ಸಂರಚನೆಯನ್ನು ತಯಾರಕರು ಮೊದಲೇ ತುಂಬಿರಬೇಕು, ಜಾಲವೂ ಆ ಮಾದರಿಯನ್ನು ಮಾನ್ಯ ಮಾಡಿರಬೇಕು. ಲಕ್ಷಗಟ್ಟಲೆ ಮಾರಾಟವಾಗುವ ಫೋನುಗಳಿಗೆ ಈ ಕೆಲಸ ತಪ್ಪದೆ ಆಗುತ್ತದೆ. ಕಡಿಮೆ ಸಂಖ್ಯೆಯಲ್ಲಿ ಮಾರಾಟವಾಗುವ ಗೇಮಿಂಗ್ ಫೋನುಗಳಿಗೆ ಎಲ್ಲ ಜಾಲಗಳಲ್ಲೂ ಆಗಿರುವುದಿಲ್ಲ. ಎಟಿ ಆ್ಯಂಡ್ ಟಿ ತನ್ನ ಜಾಲದಲ್ಲಿ ನಡೆಯುವ ಫೋನುಗಳ ಪಟ್ಟಿಯನ್ನೇ ಪ್ರಕಟಿಸುತ್ತದೆ, ಪಟ್ಟಿಯಲ್ಲಿಲ್ಲದ ಮಾದರಿಗೆ ಸೇವೆ ನಿರಾಕರಿಸಲೂಬಹುದು. ಅದರ ಟವರುಗಳನ್ನು ಬಳಸುವ ಪ್ರೀಪೇಯ್ಡ್ ಕಂಪನಿಗಳಿಗೂ ಇದು ಅನ್ವಯಿಸುತ್ತದೆ.

ಎರಡನೆಯದು ಬ್ಯಾಂಡ್, ಅಂದರೆ ಜಾಲವು ಬಳಸುವ ತರಂಗಾಂತರಗಳ ಪಟ್ಟೆ; ಪ್ರತಿಯೊಂದಕ್ಕೂ ಒಂದು ಸಂಖ್ಯೆ ಇರುತ್ತದೆ. ಭಾರತದಲ್ಲಿ ಮಾರಾಟವಾಗುವ ಫೋನನ್ನು ಇಲ್ಲಿಯ ಜಾಲಕ್ಕೆ ತಕ್ಕಂತೆ ತಯಾರಿಸಿರುತ್ತಾರೆ. ಜಿಯೊ 4ಜಿಗೆ ಬ್ಯಾಂಡ್ 3, 5, 40 ಮತ್ತು 5ಜಿಗೆ ಎನ್28, ಎನ್78 ಇದ್ದರೆ ಸಾಕು. ಅಮೆರಿಕದಲ್ಲಿ ನೋಡಬೇಕಾದ ಅಂಕಿಗಳೇ ಬೇರೆ. ಟಿ-ಮೊಬೈಲ್‌ಗೆ 4ಜಿಯಲ್ಲಿ 2, 12, 66, 71 ಹಾಗೂ 5ಜಿಯಲ್ಲಿ ಎನ್41, ಎನ್71 ಮುಖ್ಯ. ವೆರೈಜನ್‌ಗೆ 4ಜಿಯ 13ನೆಯ ಬ್ಯಾಂಡೇ ಅಡಿಪಾಯ. ವೆರೈಜನ್ ಮತ್ತು ಎಟಿ ಆ್ಯಂಡ್ ಟಿ ಎರಡರ ವೇಗದ 5ಜಿಗೂ ಎನ್77 ಬೇಕು. ಎನ್78 ಇದ್ದರೆ ಎನ್77ರ ಕೆಲಸವೂ ಆದೀತೆಂದು ಕೆಲವರು ಭಾವಿಸುತ್ತಾರೆ. ಎನ್78ರ ವ್ಯಾಪ್ತಿ 3,800 ಮೆಗಾಹರ್ಟ್ಸ್‌ಗೆ ಮುಗಿಯುತ್ತದೆ, ಈ ವೇಗದ 5ಜಿ ನಡೆಯುವ ಅಮೆರಿಕದ ಸಿ-ಬ್ಯಾಂಡ್ 3,700ರಿಂದ 3,980ರವರೆಗೆ ಹರಡಿದೆ; ಆದ್ದರಿಂದ ಅದನ್ನು ನೆಚ್ಚಿಕೊಳ್ಳಬಾರದು. ಒಂದೇ ಹೆಸರಿನ ಫೋನಿನ ಭಾರತೀಯ ಮಾದರಿಗೂ ಉತ್ತರ ಅಮೆರಿಕದ ಮಾದರಿಗೂ ಬ್ಯಾಂಡ್ ಪಟ್ಟಿ ಬೇರೆಯಿರಬಹುದಾದ ಕಾರಣ, ಪೆಟ್ಟಿಗೆಯ ಮೇಲೆ ಮುದ್ರಿಸಿರುವ ಪೂರ್ಣ ಮಾದರಿ ಸಂಖ್ಯೆಯನ್ನು ನೋಡಿ ತಯಾರಕರ ಪಟ್ಟಿಯೊಡನೆ ಹೋಲಿಸಬೇಕು. 71 ಮತ್ತು 12 ಇಲ್ಲದ ಫೋನ್ ಊರ ನಡುವೆ ಚೆನ್ನಾಗಿಯೇ ನಡೆದರೂ, ದಪ್ಪ ಗೋಡೆಯ ಹಾಸ್ಟೆಲ್ ಕೋಣೆಯಲ್ಲಿಯೋ ಊರಾಚೆಯ ಹೆದ್ದಾರಿಯಲ್ಲಿಯೋ ಸಿಗ್ನಲ್ ಕಳೆದುಕೊಳ್ಳುತ್ತದೆ. ಗೋಡೆಯನ್ನು ದಾಟಿ ದೂರ ಸಾಗುವುದು ಈ ಕೆಳ ತರಂಗಾಂತರಗಳೇ.

ಇಷ್ಟನ್ನೂ ತೂಗಿ ನೋಡಿದರೆ, ಗೇಮಿಂಗ್ ಫೋನ್ ಇಟ್ಟುಕೊಂಡವರು ಟಿ-ಮೊಬೈಲ್ ಜಾಲದ ಪ್ರೀಪೇಯ್ಡ್ ಸಿಮ್‌ನಿಂದ ಆರಂಭಿಸುವುದು ಒಳ್ಳೆಯದೆಂಬುದು ನನ್ನ ಅಭಿಪ್ರಾಯ. ಹೊರಗಿನಿಂದ ತಂದ ಫೋನಿನ ವಿಷಯದಲ್ಲಿ ಮೂರರ ಪೈಕಿ ಅದರದೇ ಕಟ್ಟುಪಾಡು ಕಡಿಮೆ. ನೀವಿರುವ ಊರಿನಲ್ಲಿ ಆ ಜಾಲವೇ ದುರ್ಬಲವಾಗಿದ್ದರೆ ಮಾತ್ರ ಉಳಿದ ಎರಡರ ಕಡೆ ನೋಡಬಹುದು.

ಸಿಮ್ ತರಿಸುವ ಮುನ್ನ *#06# ಒತ್ತಿ ಐಎಂಇಐ ಎಂಬ ಫೋನಿನ ಗುರುತಿನ ಸಂಖ್ಯೆಯನ್ನು ಬರೆದುಕೊಂಡು ಕಂಪನಿಯ ಜಾಲತಾಣದಲ್ಲಿ ಪರೀಕ್ಷಿಸಿ. ಎರಡು ಸಿಮ್‌ಗಳ ಫೋನಿನಲ್ಲಿ ಎರಡು ಐಎಂಇಐ ಇರುತ್ತವೆ. ಅಮೆರಿಕದ ಸಿಮ್ ಹಾಕಲಿರುವ ಸ್ಲಾಟಿನ ಸಂಖ್ಯೆಯನ್ನೇ ಕೊಡಬೇಕು. ‘ಹೊಂದುತ್ತದೆ’ ಎಂಬ ಉತ್ತರ ಬಂದರೂ ಅದು ಭರವಸೆಯಲ್ಲ, ಆರಂಭಿಸಲು ಸಿಕ್ಕ ಅನುಮತಿ ಮಾತ್ರ.

ಗೇಮಿಂಗ್ ಫೋನುಗಳಲ್ಲಿ ಹಲವಕ್ಕೆ ಇ-ಸಿಮ್ (ಕಾರ್ಡಿಲ್ಲದೆ ಫೋನಿನೊಳಗೇ ತುಂಬಿಕೊಳ್ಳುವ ಸಿಮ್) ಸೌಲಭ್ಯವಿಲ್ಲ, ಎರಡು ನ್ಯಾನೊ ಸಿಮ್ ಸ್ಲಾಟುಗಳಷ್ಟೇ ಇರುತ್ತವೆ. ಕಂಪನಿಗಳು ಕೊಡುವ ಉಚಿತ ಪ್ರಯೋಗದ ಅವಧಿ ಬಹುಮಟ್ಟಿಗೆ ಇ-ಸಿಮ್ ಇದ್ದವರಿಗೆ ಮಾತ್ರವಾದ್ದರಿಂದ ಆ ಅನುಕೂಲ ನಮಗೆ ದಕ್ಕುವುದಿಲ್ಲ. ಅದಕ್ಕೆ ಬದಲಾಗಿ ಟೆಲ್ಲೊದಂತಹ, ತಿಂಗಳ ಲೆಕ್ಕದಲ್ಲಿ ಹಣ ಕಟ್ಟುವ ಕಂಪನಿಯ ಅತಿ ಚಿಕ್ಕ ಪ್ಲಾನನ್ನು ಒಂದು ತಿಂಗಳಿಗೆ ಕೊಂಡು ಪರೀಕ್ಷಿಸಬಹುದು. ಮಿಂಟ್ ಸಹ ಅದೇ ಟವರುಗಳನ್ನು ಬಳಸುವುದರಿಂದ ಈ ಪರೀಕ್ಷೆಯ ಫಲ ಅದಕ್ಕೂ ಹೆಚ್ಚುಕಡಿಮೆ ಹೊಂದುತ್ತದೆ. ಹೊಸದಾಗಿ ಬಂದಿಳಿದವರಿಗೆ ಇನ್ನೊಂದು ತೊಡಕಿದೆ: ಕಾರ್ಡಿನ ವಿಳಾಸವನ್ನು ತಾಳೆ ನೋಡುವ ಅಮೆರಿಕದ ಪದ್ಧತಿಯಿಂದಾಗಿ ಭಾರತದ ಬ್ಯಾಂಕಿನ ಕಾರ್ಡನ್ನು ಕೆಲವು ಜಾಲತಾಣಗಳು ಒಪ್ಪುವುದಿಲ್ಲ. ಟಾರ್ಗೆಟ್, ಬೆಸ್ಟ್ ಬೈ, ವಾಲ್‌ಮಾರ್ಟ್‌ನಂತಹ ಅಂಗಡಿಗಳಲ್ಲಿ ಪ್ರೀಪೇಯ್ಡ್ ಸಿಮ್ ಕಿಟ್‌ಗಳು ನೇತುಹಾಕಿರುತ್ತವೆ, ನಗದು ಕೊಟ್ಟು ಕೊಳ್ಳಬಹುದು.

ಸಿಮ್ ಹಾಕಿ ಸಕ್ರಿಯಗೊಳಿಸಿದ ಮೇಲೆ ಸಿಗ್ನಲ್ ಕಡ್ಡಿಗಳು ತುಂಬಿದ್ದೂ ಇಂಟರ್ನೆಟ್ ಬಾರದಿದ್ದರೆ ಕಾರಣ ಬಹುತೇಕ ಎಪಿಎನ್, ಅಂದರೆ ಫೋನನ್ನು ಕಂಪನಿಯ ಇಂಟರ್ನೆಟ್‌ಗೆ ಜೋಡಿಸುವ ಸೆಟ್ಟಿಂಗ್. ಸೆಟ್ಟಿಂಗ್ಸ್‌ನಲ್ಲಿ ಮೊಬೈಲ್ ನೆಟ್‌ವರ್ಕ್‌ಗೆ ಹೋಗಿ, ಆ ಸಿಮ್ ಒತ್ತಿ, ಆ್ಯಕ್ಸೆಸ್ ಪಾಯಿಂಟ್ ನೇಮ್ಸ್ ತೆರೆಯಿರಿ. ಅಲ್ಲಿ ಪ್ಲಸ್ ಗುರುತನ್ನು ಒತ್ತಿದರೆ ಖಾಲಿ ನಮೂನೆ ಬರುತ್ತದೆ. ಮಿಂಟ್ ಮತ್ತು ಟೆಲ್ಲೊ ಎರಡಕ್ಕೂ ಎಪಿಎನ್ ಸಾಲಿನಲ್ಲಿ ಇಂಗ್ಲಿಷಿನ ‘ಹೋಲ್‌ಸೇಲ್’ (wholesale) ಎಂಬ ಒಂದೇ ಪದವನ್ನು ಬರೆಯಬೇಕು. ಎಪಿಎನ್ ಟೈಪ್ ಎಂಬಲ್ಲಿ ಡೀಫಾಲ್ಟ್, ಎಂಎಂಎಸ್, ಎಸ್‌ಯುಪಿಎಲ್ ಎಂಬ ಮೂರನ್ನು ನಡುವೆ ಜಾಗ ಬಿಡದೆ ಅಲ್ಪವಿರಾಮದಿಂದ ಬೇರ್ಪಡಿಸಿ ಇಂಗ್ಲಿಷಿನಲ್ಲಿ ತುಂಬಿ (default,mms,supl). ಪ್ರೋಟೋಕಾಲ್ ಸಾಲಿನಲ್ಲಿ ಐಪಿವಿ4 ಮತ್ತು ಐಪಿವಿ6 ಎರಡೂ ಇರುವ ಆಯ್ಕೆಯನ್ನು ಒತ್ತಿ. ಟಿ-ಮೊಬೈಲ್ ಜಾಲ ಬಹುಮಟ್ಟಿಗೆ ಐಪಿವಿ6 ಮೇಲೆ ನಡೆಯುವುದರಿಂದ ಬರಿಯ ಐಪಿವಿ4 ಇಟ್ಟರೆ ತೊಂದರೆಯಾದೀತು. ಕೊನೆಗೆ ಮೂರು ಚುಕ್ಕೆಯ ಮೆನುವಿನಿಂದ ಸೇವ್ ಒತ್ತಿ, ಪಟ್ಟಿಗೆ ಮರಳಿ, ಹೊಸ ಹೆಸರಿನ ಪಕ್ಕದ ವೃತ್ತವನ್ನೂ ಆರಿಸಬೇಕು. ಸೇವ್ ಒತ್ತದೆ ಹಿಂದೆ ಸರಿದರೆ ಬರೆದದ್ದೆಲ್ಲ ಅಳಿದುಹೋಗಬಹುದು. ಎಂಎಂಎಸ್ ವಿವರವನ್ನು ಯಾರು ಬಳಸುತ್ತಾರೆಂದು ಬಿಟ್ಟುಬಿಡಬೇಡಿ. ಭಾರತದಲ್ಲಿ ಅದನ್ನು ಮರೆತೇ ಎಷ್ಟೋ ಕಾಲವಾಯಿತು, ಆದರೆ ಅಮೆರಿಕದಲ್ಲಿ ರೂಮ್‌ಮೇಟುಗಳ ಗುಂಪು ಸಂದೇಶಗಳು ಇಂದಿಗೂ ಎಂಎಂಎಸ್ ಆಗಿ ಬರುವುದುಂಟು. ಅದರ ವಿಳಾಸವನ್ನು ಕಂಪನಿಯ ಸಹಾಯ ಪುಟದಿಂದ ನಕಲು ಮಾಡಿಕೊಳ್ಳಬಹುದು.

ಡೇಟಾ ಬಂದೊಡನೆ ಕೆಲಸ ಮುಗಿಯಿತೆಂದುಕೊಳ್ಳದೆ, ವೈ-ಫೈ ಆಫ್ ಮಾಡಿ ಒಂದು ಕರೆ ಮಾಡಿ, ಒಂದು ಕರೆ ತರಿಸಿಕೊಳ್ಳಿ. ಕರೆಯ ನಡುವೆ ಮೇಲಿನ 5ಜಿ ಅಥವಾ ಎಲ್‌ಟಿಇ ಗುರುತು ಮಾಯವಾಗದೆ ಉಳಿದರೆ ವೋಲ್ಟೆ ನಡೆಯುತ್ತಿದೆ ಎಂದರ್ಥ. ಬಹಳಷ್ಟು ಆ್ಯಂಡ್ರಾಯ್ಡ್ ಫೋನುಗಳಲ್ಲಿ *#*#4636#*#* ಒತ್ತಿದರೆ ತೆರೆಯುವ ಪರೀಕ್ಷಾ ಪುಟದಲ್ಲಿ ವೋಲ್ಟೆ ಕರೆಗಳನ್ನು ನಡೆಸುವ ಐಎಂಎಸ್ ಎಂಬ ವ್ಯವಸ್ಥೆಯ ಸ್ಥಿತಿಯನ್ನು ನೋಡಬಹುದು. ಅಲ್ಲಿ ‘ರಿಜಿಸ್ಟರ್ಡ್’ ಎಂದಿರಬೇಕು. ಡೇಟಾ ಧಾರಾಳವಾಗಿ ಬಂದು ಕರೆ ಮಾತ್ರ ಹೋಗದ ಫೋನನ್ನು ಒಂದೇ ಫೋನಾಗಿ ಇಟ್ಟುಕೊಳ್ಳಬಾರದು, ಏಕೆಂದರೆ ತುರ್ತು ಸಂದರ್ಭದಲ್ಲಿ 911ಕ್ಕೆ ಕರೆ ಮಾಡಬೇಕಾದರೂ ಇದೇ ದಾರಿಯೇ ಗತಿ. ವೈ-ಫೈ ಕಾಲಿಂಗ್ ಸಿಕ್ಕರೆ ಅದರಲ್ಲಿ ನಿಮ್ಮ ಈಗಿನ ಮನೆಯ ವಿಳಾಸವನ್ನು ದಾಖಲಿಸಿಡಿ.

ಇನ್ನು ಆಟದ ಮಾತು. ಜಾಹೀರಾತುಗಳು ಹೇಳುವ ವೇಗ ಆಟಕ್ಕೆ ಅಷ್ಟೇನೂ ಮುಖ್ಯವಲ್ಲ. ಮುಖ್ಯವಾದದ್ದು ಪಿಂಗ್ (ಸರ್ವರಿಗೆ ಸಂಕೇತ ಹೋಗಿ ಉತ್ತರ ಬರಲು ಹಿಡಿಯುವ ಸಮಯ), ಅದಕ್ಕಿಂತಲೂ ಪಿಂಗ್ ಏರಿಳಿಯದೆ ಒಂದೇ ಸಮ ಇರುವುದು. ಪ್ರೀಪೇಯ್ಡ್ ಪ್ಲಾನುಗಳ ನಿಜವಾದ ಬೆಲೆ ತಿಳಿಯುವುದು ಇಲ್ಲಿಯೇ. ಜಾಲವು ಪ್ರತಿ ಗ್ರಾಹಕನ ಡೇಟಾಕ್ಕೂ ಕ್ಯೂಸಿಐ ಎಂಬ ಆದ್ಯತೆಯ ಸಂಖ್ಯೆಯೊಂದನ್ನು ಕೊಡುತ್ತದೆ; ಇಲ್ಲಿ ಚಿಕ್ಕ ಸಂಖ್ಯೆಯವರಿಗೆ ಆದ್ಯತೆ ಹೆಚ್ಚು. ಟಿ-ಮೊಬೈಲ್‌ನ ಸ್ವಂತ ಪೋಸ್ಟ್‌ಪೇಯ್ಡ್ ಗ್ರಾಹಕರು ಸಾಮಾನ್ಯವಾಗಿ 6ರಲ್ಲಿದ್ದರೆ, ಅದರ ಟವರು ಬಳಸುವ ಪ್ರೀಪೇಯ್ಡ್ ಗ್ರಾಹಕರಲ್ಲಿ ಹೆಚ್ಚಿನವರು 7ರಲ್ಲಿರುತ್ತಾರೆ. ದೇವಸ್ಥಾನದ ವಿಶೇಷ ದರ್ಶನದ ಸಾಲಿನಂತೆ ಇದು: ಜನವಿಲ್ಲದ ದಿನ ಎರಡೂ ಸಾಲು ಒಂದೇ ವೇಗದಲ್ಲಿ ಸಾಗುತ್ತವೆ, ಜಾತ್ರೆಯ ದಿನ ವ್ಯತ್ಯಾಸ ಕಾಣುತ್ತದೆ. ಬೆಳಗಿನ ಹತ್ತು ಗಂಟೆಗೆ ಸ್ಪೀಡ್ ಟೆಸ್ಟ್ ಮಾಡಿ ಹಿಗ್ಗುವುದರಲ್ಲಿ ಅರ್ಥವಿಲ್ಲ. ರಾತ್ರಿ ಎಂಟರಿಂದ ಹನ್ನೊಂದರವರೆಗೆ, ನೀವು ದಿನವೂ ಕುಳಿತು ಆಡುವ ಜಾಗದಲ್ಲೇ, ಹಲವು ಸಂಜೆ ಪರೀಕ್ಷಿಸಬೇಕು. ಫೋನನ್ನು ಆಟಕ್ಕೆ ಹಿಡಿಯುವಂತೆ ಅಡ್ಡಲಾಗಿ ಎರಡೂ ಕೈಗಳಲ್ಲಿ ಹಿಡಿದೇ ನೋಡಿ, ಅಂಗೈ ಆಂಟೆನಾವನ್ನು ಮುಚ್ಚಿದರೆ ಸಿಗ್ನಲ್ ಇಳಿಯುತ್ತದೆ. ಫೋನ್ 5ಜಿ ಮತ್ತು 4ಜಿ ನಡುವೆ ಪದೇ ಪದೇ ಜಿಗಿಯುತ್ತಿದ್ದರೆ, ಆದ್ಯತೆಯ ನೆಟ್‌ವರ್ಕನ್ನು 4ಜಿಗೆ ಸೀಮಿತಗೊಳಿಸಿ ಆಡಿ ನೋಡುವುದರಲ್ಲಿ ಸಂಕೋಚ ಬೇಡ. ವೇಗ ಕಡಿಮೆಯಾದರೂ ಆಟ ನಿಲ್ಲುವುದಿಲ್ಲ, ಫೋನ್ ಬಿಸಿಯೇರುವುದೂ ತಗ್ಗುತ್ತದೆ.

ದಾವಣಗೆರೆಯ ಗೆಳೆಯರೊಡನೆ ಭಾರತದ ಸರ್ವರಿನಲ್ಲಿ ಆಡಬೇಕೆಂಬ ಆಸೆ ಇದ್ದವರು ಒಂದು ಲೆಕ್ಕ ತಿಳಿದಿರಬೇಕು. ಫೈಬರ್‌ನಲ್ಲಿ ಬೆಳಕು ಸಾಗುವ ವೇಗ ಸೆಕೆಂಡಿಗೆ ಸುಮಾರು 2 ಲಕ್ಷ ಕಿಲೋಮೀಟರ್. ಸ್ಯಾನ್‌ಫ್ರಾನ್ಸಿಸ್ಕೊದಿಂದ ಮುಂಬೈ ನೇರ ಅಂತರದಲ್ಲಿಯೇ ಸುಮಾರು 13,500 ಕಿಲೋಮೀಟರ್ ಇರುವುದರಿಂದ, ಹೋಗಿಬರುವುದಕ್ಕೆ 135 ಮಿಲಿಸೆಕೆಂಡಾದರೂ ಬೇಕು. ಕೇಬಲ್ಲು ನೇರವಾಗಿ ಹೋಗುವುದಿಲ್ಲವಾದ್ದರಿಂದ ವಾಸ್ತವದಲ್ಲಿ ಇನ್ನೂ ಹೆಚ್ಚು. ಪ್ಲಾನ್ ಬದಲಿಸಿ ಇದನ್ನು ಸರಿಪಡಿಸಲಾಗದು.

ಡೇಟಾ ಎಷ್ಟು ಬೇಕೆಂಬುದು ಆಡುವ ಬಗೆಯನ್ನು ಅವಲಂಬಿಸಿದೆ. ಸಾಧಾರಣ ಆನ್‌ಲೈನ್ ಆಟ ಗಂಟೆಗೆ ಕೆಲವು ಹತ್ತು ಎಂಬಿಗಳಲ್ಲಿ ಮುಗಿಯುತ್ತದೆ. ಆದರೆ ದೊಡ್ಡ ಆಟಗಳ ಡೌನ್‌ಲೋಡ್ ಹತ್ತಾರು ಜಿಬಿ ಇರುವುದರಿಂದ ಪ್ಲೇ ಸ್ಟೋರ್‌ನಲ್ಲಿ ‘ವೈ-ಫೈ ಮಾತ್ರ’ ಎಂಬ ಆಯ್ಕೆಯನ್ನು ಇಟ್ಟಿರಬೇಕು. ಆಟವು ದೂರದ ಸರ್ವರಿನಲ್ಲಿ ನಡೆದು ವಿಡಿಯೊ ಆಗಿ ಫೋನಿಗೆ ಬರುವ ಕ್ಲೌಡ್ ಗೇಮಿಂಗ್ ಬೇರೆಯೇ ಬಗೆಯದು: ಸೆಕೆಂಡಿಗೆ 25 ಮೆಗಾಬಿಟ್ ಹರಿದರೆ ಗಂಟೆಗೆ 11 ಜಿಬಿಗೂ ಹೆಚ್ಚು ಖರ್ಚಾಗುತ್ತದೆ. ‘ಅನ್‌ಲಿಮಿಟೆಡ್’ ಎಂಬ ಪ್ರೀಪೇಯ್ಡ್ ಪ್ಲಾನಿನಲ್ಲಿಯೂ ನಿಗದಿತ ಪ್ರಮಾಣ ದಾಟಿದ ಮೇಲೆ ವೇಗ ಇಳಿಸುವ ಷರತ್ತು ಸಣ್ಣ ಅಕ್ಷರಗಳಲ್ಲಿರಬಹುದು, ಹಾಟ್‌ಸ್ಪಾಟ್‌ಗೆ ಇನ್ನೂ ಬಿಗಿಯಾದ ಮಿತಿ ಇರುತ್ತದೆ. ಹಾಟ್‌ಸ್ಪಾಟ್ ಮೂಲಕ ಪ್ಲೇಸ್ಟೇಷನ್ನೋ ಎಕ್ಸ್‌ಬಾಕ್ಸೋ ಆಡುವವರಿಗೆ ‘ಸ್ಟ್ರಿಕ್ಟ್’ ಎಂಬ ನ್ಯಾಟ್ ಎಚ್ಚರಿಕೆ ಬಂದರೆ ಫೋನನ್ನು ದೂಷಿಸಬೇಡಿ. ಮೊಬೈಲ್ ಜಾಲಗಳು ಅನೇಕ ಗ್ರಾಹಕರನ್ನು ಒಂದೇ ಸಾರ್ವಜನಿಕ ಐಪಿ ವಿಳಾಸದ ಹಿಂದೆ ಇಡುವುದರಿಂದ ಹಾಗಾಗುತ್ತದೆ.

ಎರಡನೆಯ ಸ್ಲಾಟಿನಲ್ಲಿ ಊರಿನ ಸಿಮ್ ಉಳಿಸಿಕೊಳ್ಳುವುದು ಬ್ಯಾಂಕಿನ ಒಟಿಪಿಗಾಗಿ ಬಹುತೇಕ ಎಲ್ಲರಿಗೂ ಅನಿವಾರ್ಯ. ಹೊರಡುವ ಮುನ್ನವೇ ಅದರಲ್ಲಿ ಅಂತರರಾಷ್ಟ್ರೀಯ ರೋಮಿಂಗ್ ಚಾಲನೆಗೊಳಿಸಿ, ವ್ಯಾಲಿಡಿಟಿ ಮುಗಿಯದಂತೆ ರೀಚಾರ್ಜ್ ಮಾಡುವ ಹೊಣೆಯನ್ನು ಮನೆಯಲ್ಲಿ ಯಾರಿಗಾದರೂ ವಹಿಸಿ. ಆ ಸಿಮ್‌ನ ಡೇಟಾ ರೋಮಿಂಗನ್ನು ಆಫ್ ಮಾಡಿಡಬೇಕು. ಅದಲ್ಲದೆ, ಒಂದು ಸಿಮ್‌ನ ಸಿಗ್ನಲ್ ಸೊರಗಿದಾಗ ಫೋನ್ ತಾನಾಗಿಯೇ ಇನ್ನೊಂದರ ಡೇಟಾಕ್ಕೆ ಹೊರಳುವ ಆಯ್ಕೆಯೊಂದು ಬೇರೆಯೇ ಇರುತ್ತದೆ, ಅದನ್ನೂ ಹುಡುಕಿ ಆಫ್ ಮಾಡಬೇಕು. ಇಲ್ಲವಾದರೆ ಒಂದು ರಾತ್ರಿಯ ಆಟ ಊರಿನ ಸಿಮ್‌ನ ಪ್ರೀಪೇಯ್ಡ್ ಬ್ಯಾಲೆನ್ಸನ್ನೆಲ್ಲ ನುಂಗಿಬಿಡಬಹುದು. ಹೆಚ್ಚಿನ ಫೋನುಗಳಲ್ಲಿ ಒಂದು ಸಿಮ್‌ನಲ್ಲಿ ಕರೆ ನಡೆಯುವಾಗ ಇನ್ನೊಂದರ ಡೇಟಾ ತಡೆಯುತ್ತದೆ, ಆದ್ದರಿಂದ ಆಟದ ನಡುವೆ ಊರಿನಿಂದ ಕರೆ ಬಂದು ಎತ್ತಿದರೆ ಪಂದ್ಯ ಕೈತಪ್ಪುತ್ತದೆ. ಅಮ್ಮನಿಗೆ ವಾಟ್ಸ್‌ಆ್ಯಪ್‌ನಲ್ಲೇ ಕರೆ ಮಾಡಲು ಹೇಳಿಡುವುದು ಎರಡೂ ಕಡೆಗೆ ಅಗ್ಗ.

ಒಂದು ತಿಂಗಳು ಹೀಗೆ ಕಳೆದು ಕರೆ, ಗುಂಪು ಸಂದೇಶ, ಸಂಜೆಯ ಪಿಂಗ್ ಮೂರೂ ಸರಿಯೆನಿಸಿದರೆ ಆಗ ಮೂರು ಅಥವಾ ಹನ್ನೆರಡು ತಿಂಗಳ ಪ್ಲಾನಿಗೆ ಹೋಗಬಹುದು. ತಿಂಗಳ ಲೆಕ್ಕದಲ್ಲಿ ಅಗ್ಗವಾಗುವುದು ಅವೇ. ಸಂಖ್ಯೆಯನ್ನು ಬೇರೆ ಕಂಪನಿಗೆ ಒಯ್ಯುವಾಗ ಖಾತೆ ಸಂಖ್ಯೆ ಮತ್ತು ವರ್ಗಾವಣೆ ಪಿನ್ ಎರಡನ್ನೂ ಹಳೆಯ ಕಂಪನಿಯಿಂದ ಪಡೆದುಕೊಳ್ಳಿ, ವರ್ಗಾವಣೆ ಮುಗಿಯುವವರೆಗೆ ಹಳೆಯ ಪ್ಲಾನನ್ನು ರದ್ದು ಮಾಡಬೇಡಿ.