ಪದವೀಧರರ ಓಟು: ರೈಟ್ ಮಾರ್ಕ್ ಹಾಕಿದರೆ ಕೆಟ್ಟಿತು

2022ರ ಜೂನ್ 13. ಮೈಸೂರಿನಲ್ಲಿ ವಿಧಾನ ಪರಿಷತ್ತಿನ ದಕ್ಷಿಣ ಪದವೀಧರ ಕ್ಷೇತ್ರದ ಮತದಾನ. ವೋಟರ್ ಐಡಿ ಜೇಬಿಗಿಟ್ಟುಕೊಂಡು ಗತ್ತಿನಿಂದಲೇ ಹೋದೆ. ಪಟ್ಟಿಯಲ್ಲಿ ನನ್ನ ಹೆಸರೇ ಇಲ್ಲ. ‘ಎಂಎಲ್ಎ ಎಲೆಕ್ಷನ್‌ಗೆ ಓಟು ಹಾಕಿದ್ದೀನಲ್ಲ ಸಾರ್’ ಅಂದೆ. ‘ಆ ಪಟ್ಟಿ ಬೇರೆ, ಈ ಪಟ್ಟಿ ಬೇರೆ’ ಅಂದರು ಮೇಜಿನ ಹಿಂದಿದ್ದವರು. ಜೊತೆಗೆ ಬಂದಿದ್ದ ಚಿಕ್ಕಪ್ಪನ ಹೆಸರು ಇತ್ತು. ಒಳಗೆ ಹೋದವರು ತಮ್ಮ ಅಭ್ಯರ್ಥಿಯ ಮುಂದೆ ಚೆಂದವಾಗಿ ಒಂದು ರೈಟ್ ಮಾರ್ಕ್ ಹಾಕಿ ಬಂದರು. ಮೂವತ್ತು ವರ್ಷ ಮಕ್ಕಳ ಪೇಪರ್ ತಿದ್ದಿದ ಕೈ, ಇನ್ನೇನು ಹಾಕೀತು! ಅವರ ಓಟೂ ಕೆಟ್ಟಿತು. ಮನೆಗೆ ವಾಪಸ್ಸಾಗುವಾಗ ಲೆಕ್ಕ ಹಾಕಿದೆವು: ಡಿಗ್ರಿ ಎರಡು, ಓಟು ಸೊನ್ನೆ.

ಓದಿದವರೇ ಹೆಚ್ಚಾಗಿ ಎಡವುವ ಚುನಾವಣೆ ಇದು. ಹೆಸರು ಸೇರಿಸುವುದರಿಂದ ಎಣಿಕೆವರೆಗೆ ಹೇಗೆ ನಡೆಯುತ್ತದೆ, ನೋಡೋಣ.

ಯಾವ ಮನೆಗೆ ಈ ಓಟು?

ನಮ್ಮ ವಿಧಾನಮಂಡಲಕ್ಕೆ ಎರಡು ಮನೆ. ಕೆಳಮನೆ ವಿಧಾನಸಭೆ: 224 ಕ್ಷೇತ್ರ, ಎಲ್ಲರೂ ಹೋಗಿ ಯಂತ್ರದಲ್ಲಿ ಗುಂಡಿ ಒತ್ತುವುದು, ಅದು ಗೊತ್ತೇ ಇದೆ. ಮೇಲ್ಮನೆ ವಿಧಾನ ಪರಿಷತ್ತು. ದೇಶದಲ್ಲಿ ಈಗ ಮೇಲ್ಮನೆ ಇರುವುದು ಆರೇ ರಾಜ್ಯಗಳಲ್ಲಿ: ಕರ್ನಾಟಕ, ಮಹಾರಾಷ್ಟ್ರ, ಉತ್ತರ ಪ್ರದೇಶ, ಬಿಹಾರ, ಆಂಧ್ರ, ತೆಲಂಗಾಣ.

ನಮ್ಮ ಪರಿಷತ್ತಿನಲ್ಲಿ 75 ಸ್ಥಾನ. 25 ಮಂದಿಯನ್ನು ಶಾಸಕರು ಆರಿಸುತ್ತಾರೆ. ಇನ್ನು 25 ಮಂದಿಯನ್ನು ಗ್ರಾಮ ಪಂಚಾಯಿತಿ, ನಗರಸಭೆಯಂಥ ಸ್ಥಳೀಯ ಸಂಸ್ಥೆಗಳ ಸದಸ್ಯರು. 7 ಮಂದಿ ಪದವೀಧರರಿಂದ, 7 ಮಂದಿ ಶಿಕ್ಷಕರಿಂದ. ಉಳಿದ 11 ಜನ ನಾಮಕರಣ. ಮೇಲ್ಮನೆ ಕೆಳಮನೆಯ ಮೂರನೇ ಒಂದು ಭಾಗವನ್ನು ಮೀರಬಾರದು ಅನ್ನುತ್ತದೆ ಸಂವಿಧಾನ. ಮೊದಲು ಆಂಗ್ಲೋ ಇಂಡಿಯನ್ ಸದಸ್ಯರೊಬ್ಬರು ಸೇರಿ ಕೆಳಮನೆಯಲ್ಲಿ 225 ಇದ್ದಾಗ 75 ಸರಿಯಾಗಿ ಕೂರುತ್ತಿತ್ತು. ಆ ಸ್ಥಾನ 2020ರಲ್ಲಿ ಹೋಯಿತು. ಈಗ ಭಾಗಿಸಿದರೆ 74.67 ಬರುತ್ತದೆ! ಇರಲಿ ಬಿಡಿ, ಅದು ನಮ್ಮ ತಲೆನೋವಲ್ಲ.

ಮೊದಲ ಕೆಲಸ: ಹೆಸರು ಸೇರಿಸಿ

ನಾನು ಎಡವಿದ್ದು ಇಲ್ಲೇ. ಪದವೀಧರರ ಪಟ್ಟಿಯನ್ನು ಪ್ರತಿ ಚುನಾವಣೆಗೂ ಹೊಸದಾಗಿ ಬರೆಯುತ್ತಾರೆ. ಕಳೆದ ಸಲ ಹೆಸರಿತ್ತು ಅಂತ ಸುಮ್ನೆ ಕೂತರೆ ಈ ಸಲ ಇರುವುದಿಲ್ಲ.

ಬೇಕಾದದ್ದು ನಮೂನೆ 18. ಶಿಕ್ಷಕರಾದರೆ ನಮೂನೆ 19. ನೀವು ಆ ಕ್ಷೇತ್ರದಲ್ಲೇ ವಾಸವಿರಬೇಕು. ಅರ್ಹತಾ ದಿನ ನವೆಂಬರ್ 1. ಆ ದಿನಕ್ಕೆ ನೀವು ಡಿಗ್ರಿ ಮುಗಿಸಿ ಕನಿಷ್ಠ 3 ವರ್ಷ ಆಗಿರಬೇಕು. ನಮ್ಮ ಮೈಸೂರು, ಮಂಡ್ಯ, ಹಾಸನ, ಚಾಮರಾಜನಗರದ ಕಡೆಯ ಲೆಕ್ಕ ನೋಡಿ. ಇಲ್ಲಿ ಮುಂದಿನ ಸರದಿ 2028. ಹಾಗಾಗಿ ಪಟ್ಟಿಗೆ ಲೆಕ್ಕಕ್ಕೆ ಬರುವುದು 2027ರ ನವೆಂಬರ್ 1. ಡಿಗ್ರಿ 2024ರ ಅಕ್ಟೋಬರ್ ಕೊನೆಯೊಳಗೆ ಮುಗಿದಿರಬೇಕು.

ಡಿಗ್ರಿ ಸರ್ಟಿಫಿಕೇಟ್ ಅಥವಾ ಮಾರ್ಕ್ಸ್ ಕಾರ್ಡಿನ ಜೆರಾಕ್ಸ್, ವಿಳಾಸದ ದಾಖಲೆ, ಫೋಟೊ ಲಗತ್ತಿಸಿ. ಜೆರಾಕ್ಸಿಗೆ ದೃಢೀಕರಣ ಬೇಕು, ಆದ್ದರಿಂದ ಮೂಲ ಪ್ರತಿಯೂ ಕೈಯಲ್ಲಿರಲಿ. ಚುನಾವಣೆ ಹತ್ತಿರವಾದಾಗ ಪಕ್ಷದ ಹುಡುಗರು ‘ಕೊಡಿ ಸಾರ್, ನಾವೇ ಹಾಕ್ತೀವಿ’ ಅಂತ ಬೀದಿಯವರ ಅರ್ಜಿಗಳನ್ನೆಲ್ಲ ಒಟ್ಟು ಮಾಡುತ್ತಾರೆ. ಹಾಗೆ ಕಟ್ಟುಗಟ್ಟಲೆ ತಂದ ಅರ್ಜಿಗೆ ನಿಯಮದಲ್ಲಿ ಜಾಗವಿಲ್ಲ. ಮನೆಯ ಒಬ್ಬರು ಮನೆಯವರದ್ದನ್ನೆಲ್ಲ ಕೊಡಬಹುದು. ಸಂಸ್ಥೆಯ ಮುಖ್ಯಸ್ಥರು ತಮ್ಮ ಸಿಬ್ಬಂದಿಯದ್ದನ್ನು ಕಳಿಸಬಹುದು.

ಶಿಕ್ಷಕರಿಗೆ ಷರತ್ತು ಬೇರೆ. ಪ್ರೌಢಶಾಲೆಗಿಂತ ಕೆಳಗಿಲ್ಲದ ಸಂಸ್ಥೆಯಲ್ಲಿ, ಹಿಂದಿನ 6 ವರ್ಷದಲ್ಲಿ ಒಟ್ಟು 3 ವರ್ಷವಾದರೂ ಪಾಠ ಮಾಡಿರಬೇಕು. ಪ್ರೈಮರಿ ಮೇಷ್ಟ್ರಿಗೆ ಇಲ್ಲಿ ಓಟಿಲ್ಲ. ಎಷ್ಟೋ ವರ್ಷದಿಂದ ಅವರ ಬೇಸರ ಇದೇ, ನ್ಯಾಯವಾದ ಬೇಸರ ಅಂತ ನನಗನ್ನಿಸುತ್ತದೆ. ಡಿಗ್ರಿಯೂ ಇರುವ ಹೈಸ್ಕೂಲ್ ಮೇಷ್ಟ್ರು ಎರಡೂ ಪಟ್ಟಿಯಲ್ಲಿರಬಹುದು.

ಒಳಗೆ ಹೋದ ಮೇಲೆ

ಯಂತ್ರ ಇಲ್ಲ, ಕಾಗದದ ಮತಪತ್ರ. ಅದರಲ್ಲಿ ಅಭ್ಯರ್ಥಿಗಳ ಹೆಸರು ಇರುತ್ತದೆ, ಗುರುತಿನ ಚಿಹ್ನೆ ಇರುವುದಿಲ್ಲ. ನೋಟಾವೂ ಇಲ್ಲ. ಅಲ್ಲೇ ಒಂದು ನೇರಳೆ ಬಣ್ಣದ ಸ್ಕೆಚ್ ಪೆನ್ ಕೊಡುತ್ತಾರೆ. ಅದರಲ್ಲೇ ಬರೆಯಬೇಕು, ಜೇಬಿನ ಪೆನ್ ತೆಗೆಯಬೇಡಿ.

ನಿಮಗೆ ತೀರಾ ಬೇಕಾದವರ ಮುಂದೆ 1 ಬರೆಯಿರಿ. ಇಷ್ಟು ಕಡ್ಡಾಯ. ಆಮೇಲೆ 2, 3, 4 ನಿಮ್ಮಿಷ್ಟ. ಕನ್ನಡದ ೧, ೨ ಬರೆದರೂ ನಡೆಯುತ್ತದೆ. ‘ಒಂದು’ ಅಂತ ಅಕ್ಷರದಲ್ಲಿ ಬರೆದರೆ ನಡೆಯುವುದಿಲ್ಲ. ಇಬ್ಬರ ಮುಂದೆ 1 ಹಾಕಿದರೆ ಹೋಯಿತು. 1 ಬಿಟ್ಟು ಬರೀ 2 ಹಾಕಿದರೂ ಹೋಯಿತು. ಸಹಿ, ಹೆಸರು, ರೈಟ್ ಮಾರ್ಕ್, ಇಂಟು ಮಾರ್ಕ್ ಯಾವುದೂ ಬೇಡ.

ಎಣಿಕೆ ಅಂದರೆ ಹೋಟೆಲ್ ತಿಂಡಿ

ಹೋಟೆಲ್‌ಗೆ ಹೋಗಿ ‘ಮಸಾಲೆ ದೋಸೆ ಇದ್ಯಾ? ಇಲ್ಲಾಂದ್ರೆ ಇಡ್ಲಿ, ಅದೂ ಇಲ್ಲಾಂದ್ರೆ ಉಪ್ಪಿಟ್ಟು’ ಅಂತೀವಲ್ವಾ? ಪ್ರಾಶಸ್ತ್ಯದ ಮತ ಅಂದರೆ ಅದೇ.

ಸಿಂಧುವಾದ ಮತ 1000 ಇವೆ ಅಂದುಕೊಳ್ಳಿ. ಗೆಲ್ಲಲು ಅದರ ಅರ್ಧಕ್ಕೆ ಒಂದು ಜಾಸ್ತಿ, ಅಂದರೆ 501 ಬೇಕು. ಮೊದಲ ಎಣಿಕೆಯಲ್ಲಿ ದೋಸೆಗೆ 420, ಇಡ್ಲಿಗೆ 330, ಉಪ್ಪಿಟ್ಟಿಗೆ 160, ಚಿತ್ರಾನ್ನಕ್ಕೆ 90. ಯಾರೂ 501 ಮುಟ್ಟಲಿಲ್ಲ. ಕೊನೆಯಲ್ಲಿರುವ ಚಿತ್ರಾನ್ನ ಔಟ್. ಆ 90 ಚೀಟಿ ಬಿಚ್ಚಿ 2 ಯಾರಿಗಿದೆ ಅಂತ ನೋಡುತ್ತಾರೆ. ಇಡ್ಲಿಗೆ 50, ದೋಸೆಗೆ 10, ಉಪ್ಪಿಟ್ಟಿಗೆ 10. ಉಳಿದ 20ರಲ್ಲಿ 2 ಬರೆದೇ ಇಲ್ಲ, ಅವು ಪಕ್ಕಕ್ಕೆ ಹೋದವು. ಈಗ ದೋಸೆ 430, ಇಡ್ಲಿ 380, ಉಪ್ಪಿಟ್ಟು 170. ಮುಂದೆ ಉಪ್ಪಿಟ್ಟು ಔಟ್. ಅದರ 170ರಲ್ಲಿ ಮುಂದಿನ ಆಯ್ಕೆ ಇಡ್ಲಿಗೆ 125, ದೋಸೆಗೆ 25, ಮತ್ತೆ 20 ಖಾಲಿ. ದೋಸೆ 455, ಇಡ್ಲಿ 505. ಇಡ್ಲಿ ಗೆದ್ದಿತು!

ಮೊದಲ ಸುತ್ತಿನಲ್ಲಿ 90 ಮತದಿಂದ ಮುಂದಿದ್ದ ದೋಸೆ ಸೋತಿತು. ಮೊದಲ ಎಣಿಕೆ ಮುಗಿದ ಕೂಡಲೇ ಪಟಾಕಿ ತರಿಸುವವರು ಇದನ್ನು ನೆನಪಿಟ್ಟುಕೊಳ್ಳಬೇಕು. ‘1 ಹಾಕಿ, 2 ಯಾರಿಗೂ ಬೇಡ’ ಅಂತ ಕೆಲವರು ಪ್ರಚಾರ ಮಾಡುತ್ತಾರೆ. ಅದು ಅವರ ಅನುಕೂಲದ ಮಾತು. ನೀವು 2 ಬರೆದರೆ ನಿಮ್ಮ 1ಕ್ಕೆ ಏನೂ ಪೆಟ್ಟಿಲ್ಲ. ಆ ಅಭ್ಯರ್ಥಿ ಕಣದಿಂದ ಹೊರಬಿದ್ದ ಮೇಲಷ್ಟೇ ಅದನ್ನು ನೋಡುವುದು.

ಗೆದ್ದವರು ಏನು ಮಾಡುತ್ತಾರೆ?

6 ವರ್ಷ ಇರುತ್ತಾರೆ. ಪರಿಷತ್ತನ್ನು ಯಾರೂ ವಿಸರ್ಜಿಸುವಂತಿಲ್ಲ, 2 ವರ್ಷಕ್ಕೊಮ್ಮೆ ಮೂರನೇ ಒಂದು ಭಾಗದಷ್ಟು ಮಂದಿ ನಿವೃತ್ತರಾಗುತ್ತಾರೆ. ಸದನ ನಡೆಸುವವರು ಸಭಾಪತಿ. ಶಿಕ್ಷಕರ ಕ್ಷೇತ್ರದಿಂದ 1980ರಲ್ಲಿ ಮೊದಲ ಸಲ ಬಂದ ಬಸವರಾಜ ಹೊರಟ್ಟಿ 2022ರಲ್ಲಿ ಎಂಟನೇ ಸಲ ಗೆದ್ದು ಆ ಕುರ್ಚಿಯಲ್ಲಿ ಕೂತಿದ್ದರು. ಹಣಕಾಸು ಮಸೂದೆಯನ್ನು ಪರಿಷತ್ತು 14 ದಿನಕ್ಕಿಂತ ಹೆಚ್ಚು ಹಿಡಿದಿಡುವಂತಿಲ್ಲ. ಬೇರೆ ಮಸೂದೆಯನ್ನು ಮೊದಲು 3 ತಿಂಗಳು, ಕೆಳಮನೆ ಮತ್ತೆ ಕಳಿಸಿದರೆ ಇನ್ನೊಂದು ತಿಂಗಳು ತಡೆಯಬಹುದು, ಅಷ್ಟೇ. ಸರ್ಕಾರ ಬೀಳಿಸುವ ಶಕ್ತಿ ಇಲ್ಲ. ಆದರೆ ಇಲ್ಲಿಯವರು ಮಂತ್ರಿ ಆಗಬಹುದು.

ಚಿಕ್ಕಪ್ಪ ಈಗ ತಮ್ಮ ಬಿ.ಎ. ಸರ್ಟಿಫಿಕೇಟಿನ ನಾಲ್ಕು ಜೆರಾಕ್ಸ್ ಮಾಡಿಸಿ ಬೀರುವಿನಲ್ಲಿಟ್ಟಿದ್ದಾರೆ. ಜೊತೆಗೆ ನನ್ನದೂ ಎರಡು.